ಹಿಮದ ರೊಕ್ಕ

ನನ್ನ ಮೊಮ್ಮಗಳಿಗೆ ಮಿಲಿಟರಿ ಆಸ್ಪತ್ರೆಯಲ್ಲಿ ನರ್ಸ್ ಕೆಲಸ ಸಿಕ್ಕಿದೆ. ಓಣಿಗೆಲ್ಲ ಪೇಡೆ ಹಂಚಿದ್ದೇನೆ. ಎದುರು ಮನೆಯವಳಿಗೆ ಮರೆತು ಎರಡು ಸಲ ಕೊಟ್ಟೆ, ಅವಳೂ ಬಾಯಿ ಬಿಡದೆ ತೆಗೆದುಕೊಂಡಳು. ಇರಲಿ, ತಿನ್ನಲಿ. ಮೊದಲ ಪಗಾರ ಬಂದ ದಿನ ಮೊಮ್ಮಗಳು ವಿಡಿಯೊ ಫೋನು ಮಾಡಿ ಅದರ ಚೀಟಿ ತೋರಿಸಿದಳು. ಮೂಲ ವೇತನ ಇಷ್ಟು, ತುಟ್ಟಿಭತ್ಯೆ ಇಷ್ಟು, ಕಡಿತ ಇಷ್ಟು ಎಂದು ಓದುತ್ತಿದ್ದವಳನ್ನು ನಡುವೆ ತಡೆದು ಕೇಳಿದೆ: "ರೇಷನ್ ಅಲ್ಲೇ ಉಣ್ತಿಯೋ, ಅದರ ಬದ್ಲಿ ರೊಕ್ಕ ತಗೊಂತಿಯೋ?"

ಹುಡುಗಿ ಬಾಯಿ ತೆರೆದುಕೊಂಡು ಕೂತಳು. "ಅಜ್ಜಿ, ನಾಕನೇ ಕ್ಲಾಸು ಓದಿದಾಕಿ ನೀನು! ನಿನಗ್ಹೆಂಗ ಗೊತ್ತು ಇದೆಲ್ಲ?"

ಗೊತ್ತಿಲ್ಲದೆ ಏನು? ಆ ಲೆಕ್ಕವನ್ನು ನಾನು ಶಾಲೆಯಲ್ಲಿ ಕಲಿಯಲಿಲ್ಲ, ಬೈಗುಳ ತಿಂದು ಕಲಿತೆ. ಬೈದವರು ಈಗ ಯಾರೂ ಇಲ್ಲ. ಸತ್ತವರ ಮೇಲೆ ಸಿಟ್ಟು ಇಟ್ಟುಕೊಳ್ಳಬಾರದು ಎನ್ನುತ್ತಾರೆ. ನಾನು ಇಟ್ಟುಕೊಂಡಿದ್ದೇನೆ. ಸುಖ ಬಂದರೆ ಅದು ಕರಗುತ್ತದೆ ಎಂದು ತಿಳಿದಿದ್ದೆ. ಹಾಗೇನೂ ಆಗಲಿಲ್ಲ. ಸುಖ ಉಕ್ಕಿದಷ್ಟೂ ಅದೂ ಜೊತೆಗೇ ಉಕ್ಕುತ್ತದೆ, ಒಂದೇ ಒಲೆಯ ಮೇಲಿನ ಹಾಲು, ಸಾರಿನ ಹಾಗೆ.

ಎಪ್ಪತ್ತರ ದಶಕದ ಮಾತು. ನನ್ನ ತವರು ಉಚ್ಚಂಗಿದುರ್ಗದ ಗುಡ್ಡದ ಬುಡದಲ್ಲಿ. ಕೊಟ್ಟದ್ದು ಕೊಟ್ಟೂರಿನ ಆಚೆಯ ಒಂದು ಸಣ್ಣ ಹಳ್ಳಿಗೆ, ಮಿಲಿಟರಿಯಲ್ಲಿ ಸಿಪಾಯಿಯಾಗಿದ್ದವರಿಗೆ. ಮದುವೆಯಾಗಿ ತಿಂಗಳು ಕಳೆಯುವುದರೊಳಗೆ ಅವರು ರೈಲು ಹತ್ತಿದರು. ನಾನು ಅವರ ಅಪ್ಪ, ಅವ್ವ, ಅಣ್ಣನ ಜೊತೆ ಉಳಿದೆ.

ನಮ್ಮ ಮಾವ ಊರ ಸಾವ್ಕಾರನ ಮನೆಯಲ್ಲಿ ಸಂಬಳದಾಳು. ನಮ್ಮಪ್ಪನೂ ತನ್ನೂರಿನಲ್ಲಿ ಅದೇ ಕೆಲಸ ಮಾಡಿದವನು. ಈಗಿನವರಿಗೆ ಸಂಬಳದಾಳು ಎಂದರೆ ಗೊತ್ತಾಗಲಿಕ್ಕಿಲ್ಲ. ಯುಗಾದಿಯ ದಿನ ಸಾವ್ಕಾರನ ಕಟ್ಟೆಯ ಮುಂದೆ ಕೂತು ಮಾತಾಡಿಕೊಳ್ಳಬೇಕು: ವರ್ಷಕ್ಕೆ ಇಷ್ಟು ರೊಕ್ಕ, ಇಷ್ಟು ಚೀಲ ಜೋಳ, ಒಂದು ಕಂಬಳಿ, ಒಂದು ಜೋಡು ಕೆರ. ಅವತ್ತು ಆಡಿದ ಮಾತು ಮುಂದಿನ ಯುಗಾದಿಯವರೆಗೆ. ನಡುವೆ ಹೆಚ್ಚು ಮಾಡುವಂತಿಲ್ಲ, ಕಡಿಮೆ ಮಾಡುವಂತಿಲ್ಲ. ಕಡಿಮೆಯಾಗುವುದು ಎರಡೇ ಕಾರಣಕ್ಕೆ. ಕೆಲಸಕ್ಕೆ ತಪ್ಪಿಸಿಕೊಂಡರೆ ಆ ದಿನಗಳನ್ನು ಹಿಡಿಯುತ್ತಾರೆ, ಅದಕ್ಕೆ ನಾಗಾ ಎನ್ನುತ್ತಾರೆ. ಇಲ್ಲವೆ ಎತ್ತಿನ ಕಾಲು ಮುರಿದು, ಬಾವಿಯ ಹಗ್ಗ ಕಳೆದು ತಪ್ಪು ಮಾಡಿರಬೇಕು. ಮಾವನಿಗೆ ತಿಳಿದಿದ್ದ ಪಗಾರದ ಕಾನೂನು ಇಷ್ಟೇ.

ಒಂದು ಯುಗಾದಿಯ ಆಸುಪಾಸಿನಲ್ಲಿ ನಮ್ಮವರ ಮನಿಯಾರ್ಡರು ಇದ್ದಕ್ಕಿದ್ದಂತೆ ದೊಡ್ಡದಾಯಿತು. ಮನೆಗೆ ತಿಂಗಳ ಜೋಳ ತಂದು ಮಿಗುವಷ್ಟು ಹೆಚ್ಚು. ಅವರನ್ನು ಹಿಮದ ಬೆಟ್ಟಕ್ಕೆ ಕಳಿಸಿದ್ದಾರೆ ಎಂದು ಕಾಗದ ಬಂದಿತ್ತು, ಆದರೆ ಅದಕ್ಕೂ ಇದಕ್ಕೂ ನಂಟು ಹಚ್ಚುವ ಬುದ್ಧಿ ಯಾರಿಗಿತ್ತು? ಮಾವ ಮೀಸೆಯ ಮೇಲೆ ಕೈ ಹಾಕಿ, "ಯುಗಾದಿಗೆ ಮಾತಾಡಿ ಸಂಬಳ ಏರಿಸಿಕೊಂಡಾನ ನೋಡ್ರಿ ನನ್ನ ಮಗ" ಎಂದು ಊರಲ್ಲಿ ಹೇಳಿಕೊಂಡು ಬಂದರು. ನಮ್ಮ ಭಾವನಂತೂ ಸಾವ್ಕಾರನ ಮನೆಯ ಕೆಲಸವನ್ನೇ ಬಿಟ್ಟು ಇಸ್ತ್ರಿ ಅಂಗಿ ತೊಟ್ಟು ಕೊಟ್ಟೂರಿನ ಹೋಟೆಲಿನಲ್ಲಿ ಕೂರತೊಡಗಿದ. ಮಿರ್ಚಿ ತಿಂದು ಎಣ್ಣೆಗೈಯನ್ನು ಅದೇ ಅಂಗಿಗೆ ಒರೆಸಿಕೊಂಡು ಬರುತ್ತಿದ್ದ. ಒಗೆಯುವವಳು ನಾನು.

ಎರಡನೆಯ ವರ್ಷ ದಸರೆಗೆ ಮುಂಚೆ ಮನಿಯಾರ್ಡರು ಕುಗ್ಗಿತು. ಯುಗಾದಿಯೂ ಅಲ್ಲ, ಏನೂ ಅಲ್ಲ, ನಟ್ಟ ನಡುವೆ! ಮಾವ ಅಂಚೆಯವನ ಮುಂದೆಯೇ ನೋಟು ಎಣಿಸಿ, ಮತ್ತೆ ಎಣಿಸಿ, ಹಾಗೇ ಕಟ್ಟೆಯ ಮೇಲೆ ಕುಸಿದರು.

"ನಾಗಾ ಹಿಡ್ದಾರ. ಏನೋ ತಪ್ಪು ಮಾಡ್ಯಾನ ಮಗ. ಕದ್ದಾನೋ, ಓಡಿ ಹೋಗಿದ್ನೋ!"

ಅತ್ತೆ ಒಳಗಿನಿಂದ ಬಂದಳು. "ನನ್ನ ಮಗ ಕಳ್ಳ ಅಲ್ಲ. ಕಳ್ಳಿ ಇಲ್ಲೇ ಮನ್ಯಾಗ ಅದಾಳ. ಕಾಗದ ಬರಿಯಾಕ ಬರ್ತೈತಲ್ಲ ಈಕಿಗೆ! ಅರ್ಧ ತವರಿಗೆ ಕಳಸ್ರಿ ಅಂತ ಬರದಾಳ, ಗಂಟುಗಳ್ಳಿ."

ಅವತ್ತು ಶುರುವಾದದ್ದು ನಿಲ್ಲಲಿಲ್ಲ. ನನ್ನ ಟ್ರಂಕು ಬಿಚ್ಚಿಸಿದರು. ಸೀರೆಯ ಮಡಿಕೆಗಳನ್ನು ಝಾಡಿಸಿದರು. ಆಗ ನನ್ನ ಮಗಳು ಇನ್ನೂ ತೆವಳುತ್ತಿದ್ದಳು. ಅವಳಿಗೆ ಕೊಡುತ್ತಿದ್ದ ಲೋಟ ಹಾಲನ್ನು ನಿಲ್ಲಿಸಿ, "ನಿಮ್ಮವ್ವನ ತವರಿಗೆ ಹೋಗೈತಿ ನಿನ್ನ ಹಾಲು, ಅಲ್ಲೇ ಹೋಗಿ ಕುಡಿ" ಎಂದು ಆ ಹಸುಳೆಗೆ ಅತ್ತೆ ಹೇಳಿದಳು. ಅದರ ಮೇಲೆ ಕೊಟ್ಟೂರು ಸಂತೆಯಲ್ಲಿ ಇಟ್ಟಿಗಿ ಊರಿನ ಹೆಂಗಸೊಬ್ಬಳು ಅತ್ತೆಗೆ ಸಿಕ್ಕು, ತನ್ನ ಮಗನೂ ಮಿಲಿಟರಿಯಲ್ಲಿರುವುದಾಗಿಯೂ ನಮ್ಮವರ ಎರಡರಷ್ಟು ಕಳಿಸುವುದಾಗಿಯೂ ಹೇಳಿ ಹೋದಳು. ಅವತ್ತು ಸಂಜೆ ಅತ್ತೆ ಸಂತೆಯ ಚೀಲವನ್ನು ನನ್ನ ಕಾಲ ಮೇಲೆ ಒಗೆದಳು. ಒಳಗಿದ್ದದ್ದು ಉಳ್ಳಾಗಡ್ಡೆ, ಕಲ್ಲಲ್ಲ, ಅಷ್ಟೇ ಪುಣ್ಯ.

ಅಷ್ಟರಲ್ಲಿ ಅವರ ಕಾಗದ ಬಂತು. ಬೆಟ್ಟದಿಂದ ಕೆಳಗಿನ ಊರಿಗೆ ಬಂದಿದ್ದೇವೆ, ಸಂಸಾರಕ್ಕೆ ಸರ್ಕಾರಿ ಮನೆ ಬೇಕೆಂದು ಹೆಸರು ಕೊಟ್ಟಿದ್ದೇನೆ, ಪಾಳಿ ಹತ್ತಿರ ಬಂದಿದೆ, ರಜೆಗೆ ಬಂದಾಗ ನಿನ್ನನ್ನೂ ಮಗಳನ್ನೂ ಕರೆದುಕೊಂಡು ಹೋಗುತ್ತೇನೆ ಎಂದು ಬರೆದಿದ್ದರು. ನಾನೇ ಗಟ್ಟಿಯಾಗಿ ಓದಿದೆ. ಓದುತ್ತಾ ನನ್ನ ದನಿ ನನಗೇ ಬೇರೆಯವರದು ಎನಿಸಿತು, ಅಷ್ಟು ಹಿಗ್ಗು. ಓದಿ ಮುಗಿಸುವಷ್ಟರಲ್ಲಿ ಭಾವ ಎದ್ದು ನಿಂತಿದ್ದ.

"ಈಕಿ ಅಲ್ಲಿಗೆ ಹೋದ್ರ ಇರೋ ರೊಕ್ಕಾನೂ ಹೋತು. ಕಡಿಮಿ ಬಿದ್ದ ರೊಕ್ಕದ ಲೆಕ್ಕ ಸಿಗೂತನಾ ಈಕಿ ಹೊಸ್ತಿಲಾ ದಾಟಂಗಿಲ್ಲ."

ಹೀಗೆ ನಾನು ಒತ್ತೆಯಾದೆ. ಲೆಕ್ಕ ಒಪ್ಪಿಸಿದರೆ ಗಂಡನ ಹತ್ತಿರ ಹೋಗಬಹುದು. ಇಲ್ಲದಿದ್ದರೆ ಭಾವನ ಎಣ್ಣೆ ಅಂಗಿ ಒಗೆಯುತ್ತಾ ಮಗಳಿಗೆ ನೀರುಮಜ್ಜಿಗೆ ಕುಡಿಸುತ್ತಾ ಅಲ್ಲೇ ಬಿದ್ದಿರಬೇಕು.

(ಮೊಮ್ಮಗಳ ಫೋನು ಬಂದಿತ್ತು, ಅದಕ್ಕೇ ಬರೆಯುವುದು ನಿಂತಿತು. ಊಟ ಆಯಿತಂತೆ. ಚಪಾತಿ ಮೆತ್ತಗಿತ್ತಂತೆ. ದೇವರು ಅವಳನ್ನು ಚೆನ್ನಾಗಿಟ್ಟಿರಲಿ.)

ಅವರು ರಜೆಗೆ ಬಂದರು. ಎರಡು ದಿನ ಬಿಟ್ಟು ಒಂದು ಸಂಜೆ ಅಂಗಳದಲ್ಲಿ ಮಾವ, ಅತ್ತೆ, ಭಾವ ಸುತ್ತ ಕೂತು ಪಂಚಾಯಿತಿ ಹೂಡಿದರು. ನಮ್ಮವರು ಮಾತಿನ ಮನುಷ್ಯರಲ್ಲ. ಅದರಲ್ಲೂ ಪಲ್ಟನ್ನಿನ ಮಾತನ್ನು ಪಲ್ಟನ್ನಿನ ಭಾಷೆಯಲ್ಲೇ ಆಡುವ ಚಟ. "ಬೇಸಿಕ್ ಅಂತ ಒಂದು, ಡಿ.ಎ. ಅಂತ ಒಂದು. ಹೈ ಆಲ್ಟಿಟ್ಯೂಡ್ ಬಂದ್ ಆತು. ಫಂಡ್ ಕಟ್ ಆಗ್ತೈತಿ" ಎಂದರು.

"ಲೇ, ಕನ್ನಡದಾಗ ಬೊಗಳು," ಎಂದರು ಮಾವ. "ಯಾವ ತಪ್ಪಿಗೆ ನಾಗಾ ಹಿಡ್ದಾರ, ಅದನ್ನ ಹೇಳು."

"ನಾಗಾ ಅಲ್ಲಪ್ಪ, ಬಂದ್ ಆತು ಅಂದೆ."

"ಬಂದ್ ಮಾಡಿದ್ಯಾಕ? ಕುಡ್ದು ಬಿದ್ದಿದ್ದೇನು?"

ಅವರು ತಲೆ ತಗ್ಗಿಸಿದರು. ತಗ್ಗಿಸಿದ ತಲೆ ನೋಡಿ ಮೂವರಿಗೂ ತಪ್ಪು ಒಪ್ಪಿಕೊಂಡ ಹಾಗೆ ಕಂಡಿತು. ನನಗೆ ಅವರು ಬಂದ ದಿನವೇ ಇದನ್ನೆಲ್ಲ ಹೇಳಿದ್ದರು. ಆಗ ತಲೆಗೆ ಹತ್ತಿರಲಿಲ್ಲ. ಆಮೇಲೆ ಬಟ್ಟೆ ಒಗೆಯುವಾಗ ನಮ್ಮಪ್ಪ ನೆನಪಾಗಿ, ಅವನ ದುಡಿಮೆ ನೆನಪಾಗಿ, ಥಟ್ಟನೆ ಹತ್ತಿತು. ಮಾವನ ಎದುರು ಅದುವರೆಗೆ ನಾನು ಬಾಯಿ ತೆರೆದವಳಲ್ಲ. ಅವತ್ತು ಬಾಗಿಲಲ್ಲಿ ನಿಂತೇ ಕೇಳಿದೆ.

"ಮಾವ, ಸಾವ್ಕಾರ ಜ್ವಾಳದ ಹೊಲ ಕಾಯಾಕ ಕಳಸಿದಾಗ ನಿಮಗ ಬ್ಯಾರೆ ಜ್ವಾಳ ಕೊಡ್ತಿದ್ದಿಲ್ಲೇನ್ರಿ?"

"ಕೊಡ್ತಿದ್ದ. ಚಳ್ಯಾಗ ಹಂದಿ ಕಾಕ್ಕೊಂತ ಮಂಚಿಗಿ ಮ್ಯಾಲ ಪುಕ್ಕಟೆ ಯಾರು ಮಕ್ಕಂತಾರ?"

"ರಾಶಿ ಆಗಿ ನೀವು ಮನಿಗೆ ಬಂದಮ್ಯಾಲ?"

"ಆವಾಗ ಯಾಕ ಕೊಡ್ತಾನ?"

"ಹಂಗಾರ ಅದು ನಾಗಾ ಏನ್ರಿ? ಇವ್ರು ಹಿಮದಾಗ ಕಾಯ್ತಿದ್ರು, ಅದಕ್ಕ ಬ್ಯಾರೆ ಕೊಟ್ರು. ಈಗ ಕೆಳಗ ಇಳಿದಾರ, ಅದು ನಿಂತೈತಿ. ಮೂಲ ಸಂಬಳಕ್ಕ ಯಾರೂ ಕೈ ಹಚ್ಚಿಲ್ಲ."

ಮಾವ ಬೀಡಿ ತೆಗೆದವರು ಹಚ್ಚಲಿಲ್ಲ. ಅತ್ತೆ ಬಿಟ್ಟಾಳೆಯೆ? "ಮತ್ತ ಇಟ್ಟಿಗಿ ಹುಡುಗಗ ಹೆಂಗ ಅಷ್ಟು ಬರ್ತೈತಿ?"

"ಅವ ಹವಾಲ್ದಾರ ಅದಾನಂತ್ರಿ ಅತ್ತಿ. ದನ ಕಾಯೋ ಹುಡುಗಗೂ ಗಳೇ ಹೊಡಿಯೋ ಆಳಿಗೂ ಒಂದಾ ಸಂಬಳ ಏನು?"

"ಫಂಡಂದ್ರ ಏನು ಅದು?" ಎಂದರು ಮಾವ.

"ಕಡೀಕ ಕೊಡಾಕಂತ ಅವ್ರೇ ಹಿಡ್ಕೊಂಡು ಇಡ್ತಾರಪ್ಪ," ಎಂದರು ನಮ್ಮವರು.

"ನಮ್ಮ ಸಾವ್ಕಾರನೂ ಹಂಗಾ ಅಂದು ಇಟ್ಕಂಡ. ಇನ್ನೂ ಇಟ್ಕಂಡಾನ."

ಯಾರೂ ನಗಲಿಲ್ಲ. ನಾನೊಬ್ಬಳೇ ಸೆರಗು ಬಾಯಿಗಿಟ್ಟುಕೊಂಡೆ.

ಲೆಕ್ಕ ಒಪ್ಪಿಸಿದ್ದಾಯಿತು, ಇನ್ನು ನನ್ನ ದಾರಿ ಬಿಟ್ಟಾರು ಎಂದುಕೊಂಡೆ. ಭಾವ ಹಲ್ಲಿಗೆ ಕಡ್ಡಿ ಹಾಕಿಕೊಳ್ಳುತ್ತಾ ಹೇಳಿದ: "ಆತು ಬಿಡು. ಮ್ಯಾಲ ಹೋದ್ರ ರೊಕ್ಕ ಬರ್ತೈತಿ ಅಂದ್ರ, ಮತ್ತ ಮ್ಯಾಲ ಹೋಗು. ದೊಡ್ಡ ಸಾಹೇಬಗ ಕೈ ಮುಗಿದು ಕೇಳ್ಕೊ."

"ಹೌದು ತಮ್ಮ," ಎಂದಳು ಅತ್ತೆ. "ನೀನೇನು ಅಲ್ಲಿ ಮನಿ ಮಾಡ್ಬೇಕಾ? ಒಂದು ಕಂಬಳಿ ಹೆಚ್ಚಿಗಿ ಹೊದ್ಕೊ."

ಹೆತ್ತ ತಾಯಿ! ಆ ಮಾತನ್ನು ನಾನು ಸಾಯುವವರೆಗೂ ಮರೆಯುವವಳಲ್ಲ, ಮರೆಯಲು ಮನಸ್ಸೂ ಇಲ್ಲ. ಇಳಿದು ಹೋಗಿ ಗಂಡನ ಎಡಗಾಲಿನ ಕಾಲುಚೀಲವನ್ನು ನಾನೇ ಎಳೆದು ತೆಗೆದೆ. ಹಿಮ ಕಚ್ಚಿ ಕಿರುಬೆರಳು, ಅದರ ಪಕ್ಕದ ಬೆರಳು ಎರಡೂ ಹೋಗಿದ್ದವು. ಬಂದಾಗಿನಿಂದ ನನ್ನೊಬ್ಬಳಿಗೆ ಬಿಟ್ಟು ಯಾರಿಗೂ ತೋರಿಸದೆ ಮುಚ್ಚಿಕೊಂಡು ಓಡಾಡುತ್ತಿದ್ದರು.

"ಇನ್ನೆಷ್ಟು ಬಟ್ಟು ಬೇಕು ನಿಮಗ? ಹೇಳ್ರಿ, ಎಣಿಸಿ ಕಳಸ್ತಾರ."

ಅತ್ತೆ ಸೆರಗು ಎಳೆದುಕೊಂಡು ಮುಖ ತಿರುಗಿಸಿದಳು. ಭಾವ ಬಾಯೊಳಗಿನ ಕಡ್ಡಿ ಉಗುಳಿದ. "ನಮ್ಮಪ್ಪಗ ಕಬ್ಬಿನ ಗಾಣದಾಗ ಎರಡು ಕೈಬಟ್ಟು ಹೋಗ್ಯಾವ. ಅವಂಗ ಯಾರು ಏನು ಕೊಟ್ರು? ಇವಂದೇನು ದೊಡ್ಡದು?"

ಮಾವ ತಮ್ಮ ಎಡಗೈಯನ್ನು ಮಡಿಲಿಗೆ ಎಳೆದುಕೊಂಡರು. ಬಹಳ ಹೊತ್ತು ಮಗನ ಕಾಲನ್ನೇ ನೋಡಿದರು. ಆಮೇಲೆ ಕೇಳಿದರು: "ಇದಾಗಿ ಎಷ್ಟು ದಿನ ಮಲಗಿದ್ದಿ?"

"ಬಾಳ ದಿನ ಅಪ್ಪ. ಆಸ್ಪತ್ರ್ಯಾಗ."

"ಆ ದಿನಕ್ಕ ನಾಗಾ ಹಿಡದ್ರೇನು?"

"ಇಲ್ಲ. ಪಗಾರ ಕೊಟ್ರು."

"ಮಲಗಿದ್ದಕ್ಕ?"

"ಹೂಂನಪ್ಪ. ಮಲಗಿದ್ದಕ್ಕೂ."

"ಮಲಗಿದ್ದಕ್ಕ ಪಗಾರ ಕೊಟ್ರು," ಎಂದು ಮಾವ ತಮಗೆ ತಾವೇ ಹೇಳಿಕೊಂಡರು. ಬೆರಳು ಹೋದ ವರ್ಷ ಸಾವ್ಕಾರ ಅವರಿಗೆ ಮಲಗಿದ ದಿನಕ್ಕೆಲ್ಲ ನಾಗಾ ಹಿಡಿದು, ಗಾಣಕ್ಕೆ ರಕ್ತ ಹತ್ತಿ ಬೆಲ್ಲ ಕೆಟ್ಟಿತೆಂದು ಮತ್ತಷ್ಟು ರೊಕ್ಕ ಮುರಿದುಕೊಂಡಿದ್ದನಂತೆ. ಅದನ್ನು ನಮ್ಮವರು ಆಮೇಲೆ ರೈಲಿನಲ್ಲಿ ನನಗೆ ಹೇಳಿದರು.

ಮಾವ ಎದ್ದು ನಿಂತರು. ದೊಡ್ಡ ಮಗನಿಗೆ, "ನಾಳಿ ಸಾವ್ಕಾರನ ಮನಿಗೆ ಹೋಗಿ ಕೆಲಸ ಕೇಳು. ಇಸ್ತ್ರಿ ಅಂಗಿ ಬಿಚ್ಚಿಟ್ಟು ಹೋಗು" ಎಂದರು. ನಮ್ಮವರ ಕಡೆ ತಿರುಗಿ, "ಹೆಂಡ್ತಿ ಕರ್ಕೊಂಡು ಹೋಗು. ಮನಿಗೆ ತಿಂಗಳಾ ಇಷ್ಟು ಅಂತ ಮಾತಾಗ್ಲಿ. ನಡುವ ಕಡಿಮಿ ಮಾಡಂಗಿಲ್ಲ" ಎಂದರು.

"ಹೆಚ್ಚೂ ಕೇಳಂಗಿಲ್ರಿ," ಎಂದೆ ನಾನು.

ಮಾವ ನನ್ನನ್ನು ಉರಿಯುವ ಕಣ್ಣಿನಿಂದ ನೋಡಿದರು. ಪ್ರೀತಿಯೇನೂ ಇರಲಿಲ್ಲ ಆ ನೋಟದಲ್ಲಿ. ಆದರೂ, "ಹೂಂ, ಹೆಚ್ಚೂ ಕೇಳಂಗಿಲ್ಲ" ಎಂದರು. ಮಾತು ಮುಗಿಯಿತು.

ಅತ್ತೆಯ ಮಾತು ಮುಗಿಯಲಿಲ್ಲ. ಹೊರಟ ದಿನ ದಾರಿಬುತ್ತಿ ಕಟ್ಟಿಕೊಡಲಿಲ್ಲ. ಟ್ರಂಕು ಮನೆಯದು, ಬಿಟ್ಟು ಹೋಗು ಎಂದಳು. ಅದು ನನ್ನ ತವರಿನವರು ಕೊಟ್ಟದ್ದು. ಬಟ್ಟೆಯನ್ನು ದುಪ್ಪಟಿಯಲ್ಲಿ ಗಂಟು ಕಟ್ಟಿದೆ. "ಗಂಡನ್ನ ಕಟ್ಕೊಂಡು ಹೊಂಟಾಳ ನೋಡ್ರಿ" ಎಂದು ಓಣಿಗೆಲ್ಲ ಕೇಳುವಂತೆ ಕೂಗಿದಳು. ನಾನೂ ಓಣಿಗೆಲ್ಲ ಕೇಳುವಂತೆ, "ಹೂಂ, ಹೊಂಟೀನಿ" ಎಂದೆ. ಕಾಲಿಗೆ ಬೀಳಲಿಲ್ಲ.

ಆ ಕ್ವಾರ್ಟರ್ಸು ಒಂದೇ ಕೋಣೆ, ಮುಂದೊಂದು ಅಡಿಗೆಯ ಮೂಲೆ. ಸೇರಿದ ವಾರದೊಳಗೆ ಅವರು ನಮ್ಮ ಪಾಲಿನ ರೇಷನ್ನು ಹೊತ್ತು ತಂದರು: ಗೋಧಿ ಹಿಟ್ಟು, ಬೇಳೆ, ಸಕ್ಕರೆ, ಮಗಳಿಗೆಂದು ಹಾಲಿನ ಪುಡಿಯ ಡಬ್ಬಿ. ಗೋಧಿ ಹಿಟ್ಟನ್ನು ನಾನು ಜೋಳದ ರೊಟ್ಟಿಯಂತೆ ಬಡಿಯಲು ಹೋದೆ. ಅದು ಕೈಗೆ ಅಂಟಿ, ಹಂಚಿಗೆ ಅಂಟಿ, ಕಡೆಗೆ ಮೂಗಿಗೂ ಅಂಟಿತು. ಮಾತೇ ಆಡದ ಮನುಷ್ಯ ಗೋಡೆಗೊರಗಿ ಹೊಟ್ಟೆ ಹಿಡಿದುಕೊಂಡು ನಕ್ಕರು. ಮಗಳು ತುಟಿಯ ಮೇಲೆ ಹಾಲಿನ ಮೀಸೆ ಹಚ್ಚಿಕೊಂಡು, ಖಾಲಿ ಲೋಟವನ್ನು ನೆಲಕ್ಕೆ ಕುಟ್ಟಿ ಇನ್ನೂ ಕೇಳಿದಳು. ನಾನು ಇನ್ನೂ ಕೊಟ್ಟೆ. ನಮ್ಮತ್ತೆ ಈ ಹೊತ್ತು ಇಲ್ಲಿ ನಿಂತು ಇದನ್ನು ನೋಡಬೇಕಿತ್ತು, ನೋಡಿ ಉರಿಯಬೇಕಿತ್ತು ಎಂದುಕೊಂಡೆ. ಈಗಲೂ ಹಾಗೇ ಅಂದುಕೊಳ್ಳುತ್ತೇನೆ.