ಹತ್ತು ಗಂಟೆಯ ಬಾಗಿಲು

ಪಾಂಡವಪುರದ ಬ್ರಾಂದಿ ಅಂಗಡಿಯೊಂದರಲ್ಲಿ ನಾನು ಎಂಟು ವರ್ಷ ಗಲ್ಲಾದ ಹಿಂದೆ ನಿಂತಿದ್ದೆ. ತೊಂಬತ್ತರ ದಶಕದ ಬಹುಪಾಲು ಅಲ್ಲೇ ಕಳೆಯಿತು. ಹಾಗೆ ಹೇಳಿದರೆ ಕೆಲವರು ಮುಖ ಕಿವುಚುತ್ತಾರೆ, ಕೆಲವರು ಇನ್ನಷ್ಟು ಹತ್ತಿರ ಬಂದು ಕೂರುತ್ತಾರೆ. ನಾನು ಕುಡಿಯುವುದಿಲ್ಲ ಎಂದರೆ ಇಬ್ಬರೂ ನಂಬುವುದಿಲ್ಲ. ನಂಬದಿದ್ದರೆ ಬಿಡಲಿ, ನನಗೇನಾಗಬೇಕು.

ಅಂಗಡಿಯ ಲೈಸೆನ್ಸನ್ನು ಗಾಜು ಹಾಕಿಸಿ ಗೋಡೆಗೆ ನೇತುಹಾಕಿದ್ದರು. ಬೆಳಗ್ಗೆ ಹತ್ತಕ್ಕೆ ಮುಂಚೆ ಮಾರಕೂಡದು, ರಾತ್ರಿ ಹತ್ತೂವರೆ ಮೇಲೆ ಮಾರಕೂಡದು, ಅಂಗಡಿಯೊಳಗೆ ಕುಡಿಸಕೂಡದು. ಗಾಂಧಿ ಜಯಂತಿಗೆ ಬಾಗಿಲು ತೆಗೆಯಕೂಡದು. ಎಲೆಕ್ಷನ್ ಬಂದರೆ ಅಬಕಾರಿಯವರು ಮೊದಲೇ ಬಂದು ಬೀಗಕ್ಕೆ ಬಟ್ಟೆ ಸುತ್ತಿ ಅರಗಿನ ಮುದ್ರೆ ಒತ್ತುತ್ತಿದ್ದರು. ಗಣೇಶನ ಮೆರವಣಿಗೆಗೋ ಊರಿನ ಗಲಾಟೆಗೋ ಮಂಡ್ಯದಿಂದ ಡಿ.ಸಿ. ಆರ್ಡರು ಬಂದರೆ ಆಗಲೂ ಬಂದ್. ಇವೆಲ್ಲ ಕಾಗದದ ಮೇಲೆ ಇಡೀ ಜಿಲ್ಲೆಗೆ ಒಂದೇ. ಶ್ರೀರಂಗಪಟ್ಟಣದಲ್ಲಿ ಹೆದ್ದಾರಿಯ ಕಾರಿನವರಿಗೆ ಹತ್ತರವರೆಗೆ ಕಾಯುವ ತಾಳ್ಮೆ ಇಲ್ಲವೆಂದೂ, ಕೆ.ಆರ್. ಪೇಟೆಯಲ್ಲಿ ಸಂತೆಯ ದಿನ ಮುಂಬಾಗಿಲಿಗಿಂತ ಹಿಂಬಾಗಿಲೇ ಹೆಚ್ಚು ತೆರೆಯುತ್ತದೆಂದೂ ಮಾಲು ಇಳಿಸಲು ಬರುವ ಲಾರಿಯವರು ಹೇಳುತ್ತಿದ್ದರು. ನಾನು ಕಣ್ಣಾರೆ ನೋಡಿದ್ದಲ್ಲ. ನಮ್ಮ ಮಾಲೀಕರಿಗೆ ನಾಗಮಂಗಲದಲ್ಲೂ ಒಂದು ಅಂಗಡಿ ಇತ್ತು. ಅಲ್ಲಿಯವನು ರಜೆ ಹಾಕಿದರೆ ನನ್ನನ್ನು ಕಳಿಸುತ್ತಿದ್ದರು. ಹೊಣಕೆರೆ ಕಡೆಯಿಂದ ಮೊದಲ ಬಸ್ಸಿಗೆ ಬಂದವರು ನನ್ನ ಮುಖ ನೋಡಿದೊಡನೆ, ‘ಪಾಂಡಪುರ್‌ದೋನು ಬಂದವ್ನೆ, ಟೀ ಕುಡ್ಕಂಡ್ ಬರಾನ ನಡೀರಿ’ ಎಂದು ವಾಪಸು ಹೋಗುತ್ತಿದ್ದರು.

ಅಷ್ಟು ಹೆಸರು ಮಾಡಿದ್ದೆ. ಗೋಡೆ ಗಡಿಯಾರ ಹತ್ತು ಹೊಡೆಯುವವರೆಗೆ ಷಟರನ್ನು ಮೊಣಕಾಲಿನ ಮಟ್ಟಕ್ಕೆ ಎತ್ತಿ ಒಳಗೆ ಕಸ ಗುಡಿಸಿಕೊಂಡಿರುತ್ತಿದ್ದೆ. ಹೊರಗೆ ಕಾಯುವವರ ಕಾಲುಗಳು ಮಾತ್ರ ಕಾಣುತ್ತಿದ್ದವು. ಡೇರಿಗೆ ಹಾಲು ಹಾಕಿ ಬಂದವರು, ಕಾರ್ಖಾನೆಗೆ ಕಬ್ಬು ಇಳಿಸಿ ಬಂದವರು, ರಾತ್ರಿ ಪಾಳಿ ಮುಗಿಸಿದವರು. ಚಪ್ಪಲಿ ನೋಡಿಯೇ ಯಾರೆಂದು ಹೇಳುತ್ತಿದ್ದೆ. ಬೈಗುಳ ಕೇಳಿಸಿದರೂ ಕೇಳಿಸದವನಂತೆ ಇರುತ್ತಿದ್ದೆ. ನಿಜ ಹೇಳಬೇಕೆಂದರೆ ಅದರಲ್ಲಿ ನನಗೆ ಒಂದು ಖುಷಿಯೂ ಇತ್ತು.

ಆ ಕಾಲುಗಳಲ್ಲಿ ಒಂದು ಜೊತೆ ನನ್ನ ಅಪ್ಪನವು. ಅಪ್ಪ ಸಕ್ಕರೆ ಕಾರ್ಖಾನೆಯಲ್ಲಿ ಕಬ್ಬು ತೂಗುವ ಕಡೆ ಕೆಲಸ ಮಾಡಿ ರಿಟೈರ್ ಆಗಿದ್ದರು. ಪ್ರತಿ ಭಾನುವಾರ ನಮ್ಮೂರು ಕ್ಯಾತನಹಳ್ಳಿಯಿಂದ ಬಸ್ಸಿನಲ್ಲಿ ಬಂದು, ಶೇವಿಂಗ್ ಮಾಡಿಸಿಕೊಂಡು, ಮನೆಗೆ ಬೇಕಾದ ಸಾಮಾನು ಕಟ್ಟಿಸಿಕೊಂಡು, ಕೊನೆಗೆ ನನ್ನ ಅಂಗಡಿಗೆ ಬಂದು ಒಂದು ಬಾಟಲಿ ಬೀರು ಇಸಿದುಕೊಳ್ಳುತ್ತಿದ್ದರು. ವಾರಕ್ಕೆ ಒಂದೇ, ಅದೂ ಬೀರೇ. ‘ಬೀರೇನು ಎಣ್ಣೆ ಅಲ್ಲ ಕಣ್ಲಾ, ಮೈಗೆ ತಂಪು’ ಎನ್ನುವರು. ಅವ್ವನ ಲೆಕ್ಕದಲ್ಲಿ ಎರಡೂ ಒಂದೇ. ಬಾಟಲಿ ಹೊಸ್ತಿಲು ದಾಟಿದರೆ ತಾನು ದಾಟಿ ಹೊರಗೆ ಹೋಗುತ್ತೇನೆ ಎಂದು ಮದುವೆಯಾದ ಹೊಸತರಲ್ಲೇ ಹೇಳಿದ್ದಳಂತೆ. ಅದಕ್ಕೆ ಅಪ್ಪ ಗದ್ದೆಯ ಪಂಪ್‌ಸೆಟ್ ಮನೆಯ ಹತ್ತಿರ, ಹೊಂಗೆಮರದ ಕೆಳಗೆ ಕೂತು ಕುಡಿಯುತ್ತಿದ್ದರು. ಜೊತೆಗೆ ಅವರ ಗೆಳೆಯ ಒಬ್ಬರು ಇರುತ್ತಿದ್ದರು. ಎತ್ತಿನ ಗಾಡಿಯಲ್ಲಿ ಕಬ್ಬು ಹೊಡೆಯುತ್ತಿದ್ದವರು, ನಮ್ಮೂರಿನವರೇ. ನಾನು ಅವರನ್ನು ದೊಡ್ಡಪ್ಪ ಎನ್ನುತ್ತಿದ್ದೆ. ದೊಡ್ಡಪ್ಪನಿಗೆ ಬೀರು ಸೇರುತ್ತಿರಲಿಲ್ಲ, ಕ್ವಾರ್ಟರ್ ಬ್ರಾಂದಿಯೇ ಆಗಬೇಕು.

ಅಪ್ಪ ಕೊನೆಯ ಸಲ ಬಂದದ್ದೂ ಒಂದು ಭಾನುವಾರವೇ. ಗಡಿಯಾರದಲ್ಲಿ ಹತ್ತಕ್ಕೆ ಏಳು ನಿಮಿಷ ಇತ್ತು. ದಿನವೂ ಹತ್ತೂಕಾಲಿಗೆ ಬರುವ ಬಸ್ಸು ಅವತ್ತು ಯಾಕೋ ಬೇಗ ಬಂದು ಹಾರನ್ ಹೊಡೆಯಿತು. ಅದು ಬಿಟ್ಟರೆ ಮತ್ತೆ ಒಂದು ಗಂಟೆಗೆ. ಅಪ್ಪ ಬಗ್ಗಿ ಷಟರ್ ಕೆಳಗಿನಿಂದ ಮುಖ ತೋರಿಸಿದರು.

‘ಕೊಟ್ಬುಡ್ಲಾ ಮಗ, ಬಸ್ ಬಂದ್ಬುಡ್ತು.’

ಹೊರಗೆ ಇನ್ನೂ ನಾಲ್ಕು ಜನ ಇದ್ದರು. ಇವನು ಅಪ್ಪನಿಗೆ ಏನು ಮಾಡುತ್ತಾನೆ ನೋಡೋಣ ಎಂದು ಅವರೂ ಬಗ್ಗಿದ್ದರು. ‘ಹತ್ತಾಗ್ಲಿ ಇರಪ್ಪ. ನಿಂಗೊಂದು ಕಾನೂನು, ಊರ್ಗೊಂದು ಕಾನೂನಾ?’ ಎಂದೆ.

ಅಪ್ಪ ಬಗ್ಗಿದವರು ಹಾಗೇ ಒಂದು ಕ್ಷಣ ನನ್ನನ್ನು ನೋಡಿದರು. ‘ಅಂಗಾರೆ ಬರಾ ಭಾನ್ವಾರ ಇಸ್ಕತೀನಿ ಬುಡು’ ಎಂದು ಚೀಲ ಎತ್ತಿಕೊಂಡು ಹೋದರು. ಪಕ್ಕದಲ್ಲಿದ್ದ ದೊಡ್ಡಪ್ಪನೂ ಅವರ ಹಿಂದೆಯೇ ಬಸ್ಸಿಗೆ ಹೋದರು. ಹೊರಗಿದ್ದವರಲ್ಲಿ ಒಬ್ಬ, ‘ನೇರ ಮನ್ಸ ಕಣಪ್ಪ ನೀನು’ ಎಂದ. ಅದು ಹೊಗಳಿಕೆಯೆಂದೇ ತಿಳಿದುಕೊಂಡೆ.

ಆ ಗುರುವಾರ ಗದ್ದೆಗೆ ನೀರು ಕಟ್ಟಲು ಹೋದ ಅಪ್ಪ ಪಂಪ್‌ಸೆಟ್ ಮನೆಯ ಹತ್ತಿರವೇ ಬಿದ್ದು ತೀರಿಹೋದರು. ಹಾರ್ಟು ಅಂದರು. ಬೀರಿನ ವಿಷಯ ನಾನು ಯಾರಿಗೂ ಹೇಳಲಿಲ್ಲ. ಹೇಳುವಂಥ ಸಂಗತಿಯೇ ಅಲ್ಲ ಎಂದು ನನಗೆ ನಾನೇ ಹೇಳಿಕೊಂಡೆ. ಅಂಗಡಿಯಲ್ಲಿ ಗಡಿಯಾರ ಮುಂಚಿನ ಹಾಗೇ ಹತ್ತು ಹೊಡೆಯುತ್ತಿತ್ತು, ನಾನೂ ಮುಂಚಿನ ಹಾಗೇ ಷಟರ್ ಎತ್ತುತ್ತಿದ್ದೆ.

ವರ್ಷದ ತಿಥಿ ಮುಗಿದ ಮೇಲೆ ಅಪ್ಪನಿಗೆ ಮೊದಲ ಪಕ್ಷ ಬಂತು. ನಮ್ಮ ಕಡೆ ಪಿತೃಪಕ್ಷದಲ್ಲಿ ಸತ್ತ ಹಿರಿಯರಿಗೆ ಎಡೆ ಇಡುವಾಗ ಅವರು ಬದುಕಿದ್ದಾಗ ಇಷ್ಟಪಟ್ಟದ್ದನ್ನೆಲ್ಲ ಇಡಬೇಕು. ಹೊಸ ಪಂಚೆ, ಬಾಡಿನ ಸಾರು, ಮುದ್ದೆ, ಎಲೆಅಡಿಕೆ, ಬೀಡಿ, ಕುಡಿಯುವವರಾಗಿದ್ದರೆ ಅದು. ಬೀಡಿಯನ್ನು ಹಚ್ಚಿಯೇ ಇಡಬೇಕು, ಬಾಟಲಿಯ ಮುಚ್ಚಳ ತೆಗೆದೇ ಇಡಬೇಕು, ಯಾಕೆಂದರೆ ಸತ್ತವರಿಗೆ ಕೈ ಇಲ್ಲ. ಇಟ್ಟಾದ ಮೇಲೆ ಎಲ್ಲರೂ ಹೊರಗೆ ಬಂದು ಬಾಗಿಲು ಮುಂದೆ ಎಳೆದುಕೊಂಡು, ಅವರು ಉಂಡು ಹೋಗುವಷ್ಟು ಹೊತ್ತು ಸುಮ್ಮನೆ ಕಾಯಬೇಕು.

ಯಾವ ದಿನ ಎಡೆ ಎಂದು ಒಂದೊಂದು ಮನೆಯವರು ಒಂದೊಂದು ದಿನ ಗೊತ್ತುಮಾಡಿಕೊಳ್ಳುತ್ತಾರೆ. ಆ ವರ್ಷ ನಮ್ಮ ದಾಯಾದಿಗಳೆಲ್ಲ ಸೇರಿ ಗೊತ್ತುಮಾಡಿದ ದಿನ ಅಕ್ಟೋಬರ್ ಎರಡಕ್ಕೆ ಬಂತು. ಅವ್ವ ಒಂದು ವಾರ ಮೊದಲೇ ನನ್ನನ್ನು ಪಕ್ಕಕ್ಕೆ ಕರೆದು, ‘ನಿಮ್ಮಪ್ಪಂದು ತಂದ್ಬುಡು’ ಎಂದಳು. ಅದರ ಹೆಸರು ಅವಳ ಬಾಯಲ್ಲಿ ಬರುವುದಿಲ್ಲ. ‘ಮನೇ ಒಳಕ್ಕಾ?’ ಎಂದೆ. ‘ಹ್ಞೂಂ. ಅವ್ರು ಇದ್ದಾಗಂತೂ ಬುಡ್ಲಿಲ್ಲ. ಈಗಾರ ಮನೇಲಿ ಕುಡೀಲಿ’ ಎಂದಳು.

ಹಿಂದಿನ ದಿನ ಅಂಗಡಿಯಲ್ಲಿ ಜನವೋ ಜನ. ರಟ್ಟಿನ ಬೋರ್ಡಿನ ಮೇಲೆ ‘ನಾಳೆ ಗಾಂಧಿ ಜಯಂತಿ, ಅಂಗಡಿ ಇರುವುದಿಲ್ಲ, ಬೇಕಾದವರು ಇಂದೇ ಕೊಳ್ಳಿ’ ಎಂದು ನನ್ನ ಕೈಯಾರೆ ದಪ್ಪಕ್ಷರದಲ್ಲಿ ಬರೆದು ತೂಗುಹಾಕಿದ್ದೆ. ಓದು ಬಾರದವರಿಗೆ ಓದಿ ಹೇಳಿದೆ. ಪಕ್ಷದ ಎಡೆ ಇದೆಯಲ್ಲ, ಮರೆಯಬೇಡಿ ಎಂದು ಕೆಲವರಿಗೆ ನೆನಪಿಸಿಯೂ ಕೊಟ್ಟೆ. ಸಂಜೆ ದೊಡ್ಡಪ್ಪ ಬಂದು ಒಂದು ಬೀರು ಕೇಳಿದರು. ‘ಬೀರಾ? ನಿನಗಾ ದೊಡ್ಡಪ್ಪ?’ ಎಂದೆ. ‘ಕೊಡ್ಲಾ ಸುಮ್ಕೆ’ ಎಂದರು. ಕಾಗದ ಸುತ್ತಿ ಕೊಟ್ಟೆ. ಹತ್ತೂವರೆಗೆ ಅಬಕಾರಿಯವರು ಬಂದು ಮುದ್ರೆ ಒತ್ತಿದರು. ಆ ವರ್ಷ ಬಂದಿದ್ದ ಅಧಿಕಾರಿ ಗಾಂಧಿ ಜಯಂತಿಗೂ ಮುದ್ರೆ ಒತ್ತಿಸುವ ಪೈಕಿ. ನಾನು ಸೈಕಲ್ ಹತ್ತಿ ಮನೆಗೆ ಹೋಗಿ ಮಲಗಿದೆ.

ಮಾರನೆಯ ದಿನ ಬೆಳಗ್ಗೆ ಊರೊಳಗೆ ಕುರಿ ಕೊಯ್ದು ಪಾಲು ಹಾಕಿದ್ದ ಗುಡ್ಡೆ ಬಾಡು ಹಂಚಿಸಿಕೊಂಡು ತಂದೆ, ಪಂಚೆ ತಂದೆ, ಬೀಡಿ ತಂದೆ. ಮಧ್ಯಾಹ್ನ ಅವ್ವ ಮಸಾಲೆ ರುಬ್ಬುತ್ತಾ, ತಲೆ ಎತ್ತದೆ ಕೇಳಿದಳು.

‘ಅದ ಎಲ್ಲಿ ಮಡಗಿದ್ದೀಯ್ಲಾ?’

ಊರಿಗೆಲ್ಲ ನೆನಪಿಸಿದವನು ನಾನೇ ಮರೆತಿದ್ದೆ. ಎಂಟು ವರ್ಷದಲ್ಲಿ ಒಂದು ದಿನವೂ ಅಂಗಡಿಯಿಂದ ಮನೆಗೆ ಬಾಟಲಿ ತಂದವನಲ್ಲ. ಬೇರೆಯವರಿಗೆ ಕೊಡುವ ಕೈಗೆ ತನಗೆ ಎತ್ತಿಟ್ಟುಕೊಳ್ಳುವುದು ಹೊಳೆಯಲೇ ಇಲ್ಲ. ಇದನ್ನು ಈಗ ಬರೆಯುವಾಗ ಸಮಜಾಯಿಷಿಯ ಹಾಗೆ ಕಾಣುತ್ತದೆ. ಅವತ್ತು ಅವ್ವನಿಗೆ ಹೇಳಲು ಇಷ್ಟೂ ಹೊಳೆಯಲಿಲ್ಲ. ‘ತತ್ತೀನಿ ಇರವ್ವ’ ಎಂದು ಸೈಕಲ್ ತೆಗೆದೆ.

ಅಂಗಡಿಯ ಮುಂದೆ ನನ್ನ ಬೋರ್ಡು ನೇತಾಡುತ್ತಿತ್ತು. ಬೀಗದ ಮೇಲೆ ಅರಗು ಕೆಂಪಗೆ ಕೂತಿತ್ತು. ಅದನ್ನು ಕಿತ್ತರೆ ಮಾಲೀಕರ ಲೈಸೆನ್ಸೇ ಹೋಗುತ್ತದೆ. ಎದುರಿನ ಹೋಟೆಲಿನ ಜಗಲಿಯಿಂದ ಒಬ್ಬ, ‘ಏನಣ್ಣ, ನಿಂಗೇ ಇಲ್ವಾ?’ ಎಂದ. ಅಲ್ಲಿದ್ದವರೆಲ್ಲ ನಕ್ಕರು. ತಪ್ಪು ಅವರದ್ದಲ್ಲ ಎಂದು ಗೊತ್ತಿದ್ದರೂ ಅವರ ಮೇಲೆ ಸಿಟ್ಟು ಬಂತು. ಅವರಿಗೆ ಬೆನ್ನು ಹಾಕಿ ನಿಂತು, ಹಿಂದಿನ ದಿನ ಯಾರು ಯಾರು ಏನೇನು ಕೊಂಡರೆಂದು ನೆನಪು ಮಾಡಿಕೊಳ್ಳತೊಡಗಿದೆ. ಎಲ್ಲರೂ ಬ್ರಾಂದಿ, ರಮ್ಮು. ಅಪ್ಪ ಕುಡಿಯುತ್ತಿದ್ದ ಬೀರು ತೆಗೆದುಕೊಂಡವರು ಒಬ್ಬರೇ. ಸೈಕಲ್ ತಿರುಗಿಸಿಕೊಂಡು ಮತ್ತೆ ಊರಿಗೆ ಬಂದೆ.

ದೊಡ್ಡಪ್ಪ ಕೊಟ್ಟಿಗೆಯಲ್ಲಿ ಎತ್ತಿಗೆ ಹುಲ್ಲು ಹಾಕುತ್ತಿದ್ದರು. ನನ್ನ ಮುಖ ನೋಡಿ, ನಾನು ಬಾಯಿ ಬಿಡುವ ಮೊದಲೇ ಒಳಗೆ ಹೋಗಿ, ನಾನು ಸುತ್ತಿಕೊಟ್ಟಿದ್ದ ಅದೇ ಕಾಗದದ ಪೊಟ್ಟಣ ತಂದರು.

‘ಇದು ನಿಮ್ಮಪ್ಪಂಗೇ ತಂದಿದ್ದು ಕಣ್ಲಾ. ಎಡೆ ಹೊತ್ಗೆ ನಾನೇ ತಗಂಡ್ ಬರಾನ ಅಂತಿದ್ದೆ.’

‘ನಾನು ತರಾಕಿಲ್ಲ ಅಂತ ನಿನಗೆಂಗೆ ಗೊತ್ತಾಯ್ತು?’

‘ಗೊತ್ತಿರ್ಲಿಲ್ಲ. ಬಸ್ಸಲ್ಲಿ ಅವತ್ತು ಅವ್ನು ಊರ್ ಬರೋಗಂಟ ಮಾತಾಡ್ಲಿಲ್ಲ. ನೀನು ತಂದಿದ್ರೂ ಇನ್ನೊಂದ್ ಇರ್ಲಿ ಅಂತ ತಂದೆ.’

ದುಡ್ಡು ಕೊಡಲು ಜೇಬಿಗೆ ಕೈ ಹಾಕಿದೆ. ದೊಡ್ಡಪ್ಪ ನನ್ನ ಕೈ ಹಿಡಿದುಕೊಂಡರು. ‘ಇವತ್ತು ಮಾರಂಗಿಲ್ಲ ಕಣಪ್ಪ. ನೀನೇ ಬರ್ದು ನೇತಾಕಿದ್ದೀಯಲ್ಲ’ ಎಂದರು. ನಕ್ಕರು. ನನಗೆ ನಗು ಬರಲಿಲ್ಲ. ನಾಚಿಕೆಯಾಯಿತು. ಎಂಟು ವರ್ಷದಲ್ಲಿ ಮೊದಲನೆಯ ಸಲ ಆ ಕಾನೂನಿನ ಮೇಲೆ ಸಿಟ್ಟೂ ಬಂತು. ಕಾನೂನೇನು ಮಾಡೀತು, ಅವತ್ತು ಹತ್ತಕ್ಕೆ ಏಳು ನಿಮಿಷ ಇದ್ದಾಗ ಬಾಯಿ ಬಿಟ್ಟವನು ನಾನು.

ದೀಪ ಹಚ್ಚುವ ಹೊತ್ತಿಗೆ ಎಡೆ ಸಿದ್ಧವಾಯಿತು. ನಡುಮನೆಯ ಗೋಡೆಯ ಹತ್ತಿರ ಪಂಚೆ ಮಡಿಸಿಟ್ಟು, ಅದರ ಮುಂದೆ ಬಾಳೆಎಲೆ ಹಾಕಿ ಅವ್ವ ಎಲ್ಲ ಬಡಿಸಿದಳು. ದೊಡ್ಡಪ್ಪ ಬೀಡಿ ಹಚ್ಚಿ ಎಲೆಯ ಅಂಚಿಗೆ ಇಟ್ಟರು. ನಾನು ಬಾಟಲಿ ಹಿಡಿದು ಕೂತೆ. ಅಂಗಡಿಯಲ್ಲಾದರೆ ಓಪನರ್ ದಾರಕ್ಕೆ ಕಟ್ಟಿ ತೂಗುಹಾಕಿರುತ್ತದೆ. ನಮ್ಮ ಮನೆಯಲ್ಲಿ ಅದು ಎಲ್ಲಿಂದ ಬರಬೇಕು? ಚಮಚದ ತುದಿ ಹಾಕಿ ಮೀಟಿದೆ, ಜಾರಿತು. ಇನ್ನೊಂದು ಸಲ ಮೀಟಿದೆ. ಕೈ ಬೆವೆತು ಬಾಟಲಿ ತಿರುಗುತ್ತಿತ್ತು. ಎಲ್ಲರೂ ನಿಂತು ನೋಡುತ್ತಿದ್ದರು.

ಅವ್ವ ನನ್ನ ಹಿಂದೆ ಬಂದು ನಿಂತಳು. ದೊಡ್ಡ ದನಿಯಲ್ಲೇನೂ ಹೇಳಲಿಲ್ಲ.

‘ಬಿರ್ನೆ ತಗಿಲಾ ಮಗ. ಇವತ್ತೂ ಕಾಯಿಸ್‌ಬ್ಯಾಡ.’

ನಾನು ತಿರುಗಿ ನೋಡಲಿಲ್ಲ. ಅವಳಿಗೆ ಯಾವತ್ತಿನಿಂದ ಗೊತ್ತಿತ್ತೋ, ಅಪ್ಪನೇ ಆ ಭಾನುವಾರ ಮನೆಗೆ ಬಂದು ಹೇಳಿದರೋ, ಆಮೇಲೆ ದೊಡ್ಡಪ್ಪ ಹೇಳಿದರೋ, ನಾನು ಇವತ್ತಿಗೂ ಕೇಳಿಲ್ಲ. ವರ್ಷಕ್ಕೂ ಮೇಲೆ ದಿನಾ ನನಗೆ ಅನ್ನ ಬಡಿಸಿದ್ದಳು, ಅದರ ಬಗ್ಗೆ ಒಂದು ಮಾತು ಆಡಿರಲಿಲ್ಲ. ಎದ್ದು ಹೋಗಿ ಬಾಗಿಲ ಚಿಲಕದ ಕಬ್ಬಿಣಕ್ಕೆ ಬಾಟಲಿಯ ಬಾಯಿ ಕೊಟ್ಟು ಜಗ್ಗಿದೆ. ಮುಚ್ಚಳ ಹಾರಿ ಹೊಸ್ತಿಲಾಚೆ ಬಿತ್ತು. ನೊರೆ ಕೈಮೇಲೆ ಇಳಿಯುತ್ತಿರುವಾಗಲೇ ತಂದು ಎಲೆಯ ಪಕ್ಕಕ್ಕೆ ಇಟ್ಟೆ.

ಎಲ್ಲರೂ ಹೊರಗೆ ಬಂದೆವು. ಅವ್ವ ಬಾಗಿಲು ಎಳೆದುಕೊಂಡಳು. ಮಕ್ಕಳು ಜಗಲಿಯ ಮೇಲೆ ಪಿಸುಗುಟ್ಟುತ್ತಿದ್ದವು. ಸ್ವಲ್ಪ ಹೊತ್ತಾದ ಮೇಲೆ ಯಾರೋ, ‘ಸಾಕಲ್ವಾ, ತೆಗೀರಿ’ ಎಂದರು. ಬಾಗಿಲಿಗೆ ಹತ್ತಿರ ಇದ್ದವನು ನಾನು. ಕೈಗಡಿಯಾರವನ್ನು ಬಿಚ್ಚಿ ಜೇಬಿಗೆ ಹಾಕಿಕೊಂಡೆ.

‘ಅಪ್ಪ ಕುಡೀಲಿ ಇರಿ’ ಎಂದೆ. ಅವ್ವ ಸಾಕು ಎನ್ನುವವರೆಗೂ ಆ ಮುಚ್ಚಿದ ಬಾಗಿಲ ಹೊರಗೆ ನಿಂತೇ ಇದ್ದೆ.