ಒಂಟಿ ಬೀಜದ ಕಾಫಿ

ಬಸುರಿ ಹೆಂಗಸು ಜೋಡಿ ಬೀಜದ ಕಾಫಿ ಕುಡಿದರೆ ಅವಳಿ ಹುಟ್ಟುತ್ತವೆ ಎಂಬುದು ಶುದ್ಧ ಸುಳ್ಳು. ಆ ಸುಳ್ಳು ಹುಟ್ಟಿದ್ದು ನನ್ನಿಂದ. ಕೊಟ್ಟಿಗೆಹಾರದ ಆಸುಪಾಸಿನಲ್ಲಿ ಈಗಲೂ ಯಾವಳಾದರೂ ಅಜ್ಜಿ ಇದನ್ನು ಶಾಸ್ತ್ರ ಎಂದು ಹೇಳಿದರೆ ನಂಬಬೇಡಿ. ಶಾಸ್ತ್ರವೂ ಇಲ್ಲ, ಮಣ್ಣೂ ಇಲ್ಲ. ನನಗೆ ಒಳ್ಳೆಯ ಕಾಫಿ ಕುಡಿಯಬೇಕಿತ್ತು, ಅಷ್ಟೆ.

ಕಾಫಿ ಬೆಳೆಯುವವರ ಮನೆಯಲ್ಲಿ ಕಾಫಿಗೇನು ಬರ ಎಂದು ಕೇಳುವವರು ಕಾಫಿ ಬೆಳೆದವರಲ್ಲ. ನಾನು ಮದುವೆಯಾಗಿ ಬಂದಾಗ ದೊರೆಗಳು ಇನ್ನೂ ಎಸ್ಟೇಟುಗಳಲ್ಲಿ ಕುದುರೆ ಹತ್ತಿ ತಿರುಗುತ್ತಿದ್ದರು; ಎರಡನೇ ಯುದ್ಧ ಶುರುವಾಗಿರಲಿಲ್ಲ. ನಮ್ಮದು ದೊರೆಗಳದರಂತೆ ದೊಡ್ಡದಲ್ಲ, ಗುಡ್ಡದ ಒಂದು ಓರೆಯಷ್ಟು ತೋಟ. ಬೆಳೆದದ್ದರಲ್ಲಿ ಚೆನ್ನಾಗಿರುವುದೆಲ್ಲ ಮೂಟೆ ಸೇರಿ, ಎತ್ತಿನ ಗಾಡಿಯಲ್ಲಿ ಚಾರ್ಮಾಡಿ ಘಾಟಿ ಇಳಿದು ಮಂಗಳೂರಿಗೆ ಹೋಗುತ್ತಿತ್ತು. ಅಲ್ಲಿಂದ ಹಡಗು ಹತ್ತಿ ಯಾವ ದೇಶಕ್ಕೋ. ಮನೆಗೆ ಉಳಿಯುತ್ತಿದ್ದುದು ಕರಿದು, ಒಡಕು, ಹುಳ ಕೊರೆದದ್ದು, ತೊಳೆಯುವಾಗ ನೀರಿನಲ್ಲಿ ತೇಲಿದ ಜೊಳ್ಳು. ಅದನ್ನೇ ಹುರಿದು, ಕುಟ್ಟಿ, ಬೆಲ್ಲ ಹಾಕಿ ಕುದಿಸುವುದು. ಮೊದಲ ನೀರು ಮಾವನಿಗೆ ಮತ್ತು ಗಂಡಸರಿಗೆ. ಅದೇ ಚರಟಕ್ಕೆ ಮತ್ತೆ ನೀರು ಹಾಕಿ ಕುದಿಸಿದ್ದು ಅತ್ತೆಗೆ. ಮೂರನೆಯ ಸಲ ಕುದಿಸಿದ್ದು ಸೊಸೆಯರಿಗೆ, ಎಂದರೆ ನನಗೆ ಮತ್ತು ನನ್ನ ಓರಗಿತ್ತಿಗೆ. ಅವಳು ನನ್ನ ಗಂಡನ ಅಣ್ಣನ ಹೆಂಡತಿ. ನಾನು ಅಕ್ಕ ಎಂದು ಕರೆಯುತ್ತಿದ್ದೆ.

"ಇದು ಕಾಫಿಯಲ್ಲ ಮಾರಾಯ್ತಿ, ಕಾಫಿ ಪಾತ್ರೆ ತೊಳೆದ ನೀರು," ಎನ್ನುತ್ತಿದ್ದಳು ಅಕ್ಕ. ಹಾಗೆಂದು ಬಿಡುತ್ತಿರಲಿಲ್ಲ. ಎರಡು ಲೋಟ ಕುಡಿಯುತ್ತಿದ್ದಳು.

ನಾನು ಬಂದ ಎರಡನೆಯ ವರ್ಷ ಕಾಫಿಯನ್ನು ಕೇಳುವವರೇ ಇಲ್ಲವಾಯಿತು. ಅಟ್ಟದ ಮೇಲೆ ಮೂಟೆಗಳು ಕೂತೇ ಇದ್ದವು. ಮಾವ ದಿನಕ್ಕೆರಡು ಸಲ ಏಣಿ ಹತ್ತಿ, ಜ್ವರ ಬಂದ ಮಗುವಿನ ಹಣೆ ಮುಟ್ಟುವ ಹಾಗೆ ಒಂದೊಂದು ಮೂಟೆಯನ್ನೂ ಮುಟ್ಟಿ ಇಳಿಯುತ್ತಿದ್ದರು. ಕೊನೆಗೊಂದು ದಿನ ಬ್ಯಾರಿ ಸಾಹುಕಾರರು ಬಂದರು. ಪ್ರತಿ ವರ್ಷ ನಮ್ಮ ಕಾಫಿ ಕೊಂಡು ಘಾಟಿ ಇಳಿಸುತ್ತಿದ್ದ ವ್ಯಾಪಾರಿ ಅವರೇ. ಜಗುಲಿಯ ಮೇಲೆ ಕೂತು ಟೋಪಿ ತೆಗೆದು ಗಾಳಿ ಹಾಕಿಕೊಂಡರು.

"ಗೌಡ್ರೆ, ಬ್ರೆಜಿಲ್ ಅಂತ ಒಂದು ದೇಶ ಉಂಟಂತೆ. ಅಲ್ಲಿ ಕಾಫಿ ಹೆಚ್ಚಾಗಿ ಹೆಚ್ಚಾಗಿ, ರೈಲಿಗೆ ಕಲ್ಲಿದ್ದಲ ಬದಲು ಕಾಫಿ ಹಾಕಿ ಸುಡ್ತಾರಂತೆ."

"ಕುಡಿಯೋದು ಬಿಟ್ಟು ಸುಡ್ತಾರಾ?"

"ಸುಡ್ತಾರೆ, ಸಮುದ್ರಕ್ಕೂ ಸುರೀತಾರೆ. ಮತ್ತೆ ನಮ್ಮದನ್ನು ಯಾರು ಕೇಳ್ತಾರೆ ಹೇಳಿ."

ಬಾಗಿಲ ಹಿಂದೆ ನಿಂತು ಕೇಳುತ್ತಿದ್ದ ನನಗೆ, ರೈಲಿಗೂ ಸಿಗುವ ಕಾಫಿ ಸೊಸೆಗೆ ಸಿಗುವುದಿಲ್ಲವಲ್ಲ ಎನಿಸಿತು.

ಸಾಹುಕಾರರ ಬಳಿ ಒಂದು ಉಪಾಯವಿತ್ತು. ಕಾಫಿ ಹಣ್ಣನ್ನು ಹಿಸುಕಿದರೆ ಒಳಗೆ ಎರಡು ಬೀಜ ಇರುತ್ತವೆ, ಒಂದಕ್ಕೊಂದು ಹೊಟ್ಟೆ ಒತ್ತಿಕೊಂಡು. ಅದಕ್ಕೇ ಬೀಜದ ಒಂದು ಬದಿ ಚಪ್ಪಟೆ. ಅಪರೂಪಕ್ಕೆ ಕೆಲವು ಹಣ್ಣಿನಲ್ಲಿ ಒಂದೇ ಬೀಜ, ಮೆಣಸಿನ ಕಾಳಿನ ಹಾಗೆ ದುಂಡಗೆ ಬೆಳೆದಿರುತ್ತದೆ. ದೊರೆಗಳು ಅದಕ್ಕೆ ಪೀಬೆರಿ ಎನ್ನುತ್ತಿದ್ದರು, ನಾವು ಒಂಟಿ ಬೀಜ. ಹೊರದೇಶದವರಿಗೆ ಅದೆಂದರೆ ಪ್ರಾಣವಂತೆ. ಬರೀ ಒಂಟಿ ಬೀಜವನ್ನು ಒಂದು ಡಬ್ಬದ ತುಂಬ ಆರಿಸಿ ಕೊಟ್ಟರೆ ಮಾದರಿಯೆಂದು ಹಡಗಿನಲ್ಲಿ ಕಳಿಸುತ್ತೇನೆ, ರುಚಿ ಹಿಡಿಸಿದರೆ ಅಟ್ಟದಲ್ಲಿರುವುದನ್ನೆಲ್ಲ ಅವರೇ ಕೊಳ್ಳುತ್ತಾರೆ ಎಂದರು. ಮಳೆಗಾಲಕ್ಕೆ ಮುಂಚೆ ಅವರ ಉತ್ತರ ಬಂದು ಮೂಟೆಗಳು ಘಾಟಿ ಇಳಿಯಬೇಕಾದರೆ, ಸಾಹುಕಾರರು ಹೇಳಿದ ಹಡಗಿಗೇ ಡಬ್ಬ ಸೇರಬೇಕು. ತಪ್ಪಿದರೆ ಮೂಟೆಗಳು ಮಳೆಗಾಲವನ್ನು ಅಟ್ಟದಲ್ಲೇ ಕಳೆದು, ಬಿಳಿಚಿಕೊಂಡು, ಬೂಸಲು ಹಿಡಿದು ಎಮ್ಮೆಗೂ ಬೇಡವಾಗುತ್ತವೆ. ಇದು ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು.

"ಅಲ್ಲಿ ರುಚಿ ನೋಡ್ಲಿಕ್ಕೇ ಜನ ಇದ್ದಾರೆ," ಎಂದರು ಸಾಹುಕಾರರು. "ಒಂದು ಚಮಚ ಬಾಯಿಗೆ ಹಾಕ್ತಾರೆ, ನಾಲಗೆ ಮೇಲೆ ಆಡಿಸ್ತಾರೆ, ಉಗೀತಾರೆ."

"ನುಂಗೋದಿಲ್ವಾ?"

"ಇಲ್ಲ, ಉಗಿಯೋದೇ."

"ಉಗಿಯೋಕೆ ಹಡಗಲ್ಲಿ ಯಾಕೆ ತರಿಸ್ಬೇಕು?" ಎಂದು ಅಕ್ಕ ನನ್ನ ಕಿವಿಯಲ್ಲಿ ಹೇಳಿದಳು. "ನಮ್ಮ ಪಾಲಿನ ಕಾಫಿ ಕೊಟ್ರೆ ಇಲ್ಲೇ ಉಗೀಬಹುದು."

ಆರಿಸುವ ಕೆಲಸ ಹೆಂಗಸರದು. ಒಣಗಿದ ಬೀಜವನ್ನು ಒರಳಿಗೆ ಹಾಕಿ ಒನಕೆಯಿಂದ ಮೆಲ್ಲಗೆ ಕುಟ್ಟಿ ಸಿಪ್ಪೆ ಬಿಡಿಸಬೇಕು, ಕೇರಬೇಕು. ಆಮೇಲೆ ಮೊರವನ್ನು ಓರೆಯಾಗಿ ಹಿಡಿದು ತಟ್ಟಬೇಕು. ದುಂಡು ಬೀಜ ಉರುಳಿ ಕೆಳಗಿನ ಬಟ್ಟೆಗೆ ಬೀಳುತ್ತದೆ, ಚಪ್ಪಟೆಯದು ಮೊರದಲ್ಲೇ ಕೂರುತ್ತದೆ. ಕೇಳಲು ಸುಲಭ. ಹದಿನೈದು ದಿನ ತಟ್ಟಿ ತಟ್ಟಿ ನನ್ನ ಹೆಗಲು ಒಣಗಿದ ಚಕ್ಕಳವಾಯಿತು. ಡಬ್ಬ ತುಂಬಿತು. ಸಾಹುಕಾರರು ಬರಲು ಇನ್ನೂ ಮೂರು ವಾರ ಇತ್ತು. ಡಬ್ಬವನ್ನು ಅತ್ತೆ ಉಗ್ರಾಣದಲ್ಲಿಟ್ಟು, ಅರಿಶಿನ ಮುಟ್ಟಿದ ಕೈಯಲ್ಲಿ ಯಾರೂ ಮುಟ್ಟಕೂಡದು ಎಂದು ಅಪ್ಪಣೆ ಮಾಡಿದರು.

ಇಷ್ಟಕ್ಕೇ ಮುಗಿದಿದ್ದರೆ ನಾನು ಬರೆಯಲು ಏನೂ ಇರುತ್ತಿರಲಿಲ್ಲ. ಆದರೆ ತಾನು ಮಾರುತ್ತಿರುವುದು ಏನು ಎಂದು ಮಾವನಿಗೆ ನೋಡಬೇಕೆನಿಸಿತು. ಅತ್ತೆ ಒಂದು ಮುಷ್ಟಿ ಒಂಟಿ ಬೀಜ ತೆಗೆದು ಹಂಚಿನ ಮೇಲೆ ಹುರಿದರು. ನನಗೆ ಆಗ ನಾಲ್ಕು ತಿಂಗಳು. ಅನ್ನದ ವಾಸನೆಗೂ ವಾಂತಿ ಬರುತ್ತಿದ್ದ ಕಾಲ. ಆ ಹೊಗೆ ಮೂಗಿಗೆ ಬಡಿದದ್ದೇ ತಡ, ವಾಕರಿಕೆ ಹೇಳದೆ ಕೇಳದೆ ಓಡಿಹೋಯಿತು. ಮಾವ ಒಂದು ಗುಟುಕು ಕುಡಿದು ಕಣ್ಣು ಮುಚ್ಚಿದರು. ಕಣ್ಣು ತೆರೆಯುವಷ್ಟರಲ್ಲಿ ಮುಗಿದೇ ಹೋಗಿತ್ತು. ಲೋಟ ತೊಳೆಯಲು ನಾನು ಒಯ್ದೆ. ತಳದಲ್ಲಿದ್ದ ಎರಡು ಹನಿಯನ್ನು ಬೆರಳಲ್ಲಿ ನೆಕ್ಕಿದೆ. ಹೇಳಿಕೊಳ್ಳಲು ನಾಚಿಕೆಯೇನಿಲ್ಲ.

ಮರುದಿನ ನಾನು ಚಿಪ್ಪಿನಿಂದ ಬಾಳೆಹಣ್ಣು ಮುರಿದುಕೊಳ್ಳುವಾಗ ಒಂದಕ್ಕೊಂದು ಅಂಟಿದ ಜೋಡಿ ಹಣ್ಣು ಕೈಗೆ ಬಂತು. ಅತ್ತೆ ಹಾರಿ ಬಂದು ಕಿತ್ತುಕೊಂಡರು.

"ಬಸುರಿ ಜೋಡಿ ಹಣ್ಣು ತಿನ್ತಾರಾ? ಅವಳಿ ಆಗ್ತಾವೆ ಅಂತ ಗೊತ್ತಿಲ್ವಾ ನಿಂಗೆ?"

ನನ್ನ ಬಾಯಿ ನನಗಿಂತ ಮುಂಚೆ ಓಡಿತು.

"ಹೌದಾ ಅತ್ತೆ? ಮತ್ತೆ ಕಾಫಿ ಹಣ್ಣಿನೊಳಗೂ ಜೋಡಿ ಬೀಜವೇ ಅಲ್ವಾ ಇರೋದು?"

ಅತ್ತೆ ಹಣ್ಣು ಹಿಡಿದುಕೊಂಡು ಹಾಗೇ ನಿಂತರು. ಅವರ ಮುಖದಲ್ಲಿ ಒಂದೊಂದೇ ಮೆಟ್ಟಿಲು ಇಳಿದ ಹಾಗೆ ಏನೋ ಇಳಿಯಿತು.

"ನೀನು ದಿನಾ ಕುಡೀತೀಯಾ?"

"ದಿನಾ ಎರಡು ಲೋಟ ಅತ್ತೆ."

"ಅಯ್ಯೋ ನನ್ನ ಕರ್ಮವೇ."

"ಬಿಟ್ಟೇ ಬಿಡ್ತೀನಿ ಅತ್ತೆ," ಎಂದೆ, ಬಹಳ ಬಡಪಾಯಿಯಾಗಿ. "ಬಿಟ್ರೆ ತಲೆ ಸಿಡಿಯುತ್ತೆ, ವಾಂತಿ ಜಾಸ್ತಿಯಾಗುತ್ತೆ. ಆದ್ರೂ ಬಿಡ್ತೀನಿ."

ಅತ್ತೆ ನೇರ ಉಗ್ರಾಣಕ್ಕೆ ಹೋದರು. ಡಬ್ಬದ ಮುಚ್ಚಳ ತೆಗೆದ ಸದ್ದು ಕೇಳಿತು. ಆ ಸಂಜೆ ನನಗೆ ಒಂಟಿ ಬೀಜದ ಕಾಫಿ ಬಂತು, ಮೊದಲ ನೀರು, ಮೇಲೆ ಒಂದು ಚಮಚ ಎಮ್ಮೆ ಹಾಲು. ನಾನು ಕಣ್ಣು ಮುಚ್ಚಲಿಲ್ಲ. ಅಕ್ಕ ನೋಡುತ್ತಿದ್ದಳು, ಅವಳ ಮುಖ ನೋಡುತ್ತಾ ಕುಡಿಯುವುದೇ ಒಂದು ಸುಖ.

ಅಕ್ಕ ನಾಲ್ಕು ದಿನ ತಡೆದಳು. ಐದನೆಯ ದಿನ ಅತ್ತೆಯ ಮುಂದೆ ತಲೆ ತಗ್ಗಿಸಿ, "ನಂಗೂ ಇದೆ ಅನ್ಸುತ್ತೆ," ಎಂದಳು. ಅವಳ ಕಿರಿಯ ಮಗ ಆಗಲೇ ಗೋಲಿ ಆಡುವಷ್ಟು ದೊಡ್ಡವನಾಗಿದ್ದ. ಅವನಾದ ಮೇಲೆ ಅವಳು ಬಸುರಿಯಾಗಿರಲೇ ಇಲ್ಲ. ಅತ್ತೆ ಸಂತೋಷದಿಂದ ಇನ್ನೊಂದು ಮುಷ್ಟಿ ಹುರಿದರು. ಹಿತ್ತಲಿಗೆ ಬಂದಾಗ ನಾನು ಅಕ್ಕನ ಹೊಟ್ಟೆ ನೋಡಿದೆ.

"ಎಂತ ನೋಡ್ತೀಯ?" ಎಂದಳು. "ನಿಂಗೆ ಪ್ರಶ್ನೆ ಕೇಳೋಕೆ ಬರುತ್ತೆ, ನಂಗೆ ಉತ್ತರ ಕೊಡೋಕೆ ಬರುತ್ತೆ."

ಹೆಂಗಸರ ಬಾಯಲ್ಲಿ ಇಂಥ ಮಾತು ನಿಲ್ಲುವುದಿಲ್ಲ. ತೋಟಕ್ಕೆ ಕೂಲಿಗೆ ಬರುವ ಹೆಂಗಸರಲ್ಲಿ ಇಬ್ಬರು ಬಸುರಿಯರಿದ್ದರು. ಅವರು ಹೆದರಿಕೊಂಡು ಬಂದರು. ಪಕ್ಕದ ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರ ಹೆಂಡತಿ ಸೆರಗಿನಲ್ಲಿ ಪಾತ್ರೆ ಮುಚ್ಚಿಕೊಂಡು ಬಂದಳು. ಆಮೇಲೆ ಇನ್ನೂ ಇಬ್ಬರು, ಬಸುರಿಯಾಗಬಹುದು ಎಂಬ ಅನುಮಾನದವರು. ಬೆಲ್ಲದ ತುಂಡು ಕೊಡಲೂ ಹಿಂದೆ ಮುಂದೆ ನೋಡುವ ಅತ್ತೆ ಒಬ್ಬಳನ್ನೂ ಬರಿಗೈಯಲ್ಲಿ ಕಳಿಸಲಿಲ್ಲ. ಅವರಿಗೆ ಏನು ಬಂತು ಎಂದು ನನಗೆ ಅರ್ಥವಾಗಲಿಲ್ಲ. ಕೇಳಲೂ ಇಲ್ಲ. ಕಾಫಿ ಬಿಸಿಯಿತ್ತು.

ಸಾಹುಕಾರರು ಹೇಳಿದ ದಿನಕ್ಕೆ ಸರಿಯಾಗಿ ಬಂದರು. ಗಾಡಿಗಳನ್ನು ಕೊಟ್ಟಿಗೆಹಾರದಲ್ಲಿ ಬಿಟ್ಟು ನಡೆದೇ ಬಂದಿದ್ದರು. ಮಾವ ಠೀವಿಯಿಂದ ಡಬ್ಬ ತರಿಸಿದರು. ಅದು ನನ್ನ ಕೈಯಲ್ಲಿ ಬಂದ ರೀತಿಯಲ್ಲೇ ಅವರಿಗೆ ಗೊತ್ತಾಗಿರಬೇಕು. ಮುಚ್ಚಳ ತೆಗೆದರೆ ಕಾಲು ಪಾಲು ಬೀಜ.

"ಇಲಿಯಾ?" ಎಂದರು ಮಾವ.

"ಇಲಿಯಲ್ಲ," ಎಂದು ಅತ್ತೆ ಜಗುಲಿಗೇ ಬಂದು ನಿಂತರು. ಹೊರಗಿನವರೆದುರು ಅವರು ಹಾಗೆ ಬಂದಿದ್ದನ್ನು ನಾನು ನೋಡಿರಲಿಲ್ಲ. "ನಾನೇ ಕೊಟ್ಟೆ. ಬಸುರಿ ಹೆಂಗಸ್ರು ಕುಡಿದ್ರು."

"ಸಮುದ್ರ ದಾಟ್ಬೇಕಾದ ಬೀಜ ಕಣೇ ಅದು! ಅಟ್ಟ ತುಂಬಾ ಮೂಟೆ ಕೂತಿರೋದು ನಿಂಗೆ ಕಾಣೋದಿಲ್ವಾ?"

"ಕಾಣುತ್ತೆ. ನನ್ನಕ್ಕ ಅವಳಿ ಹೆತ್ತು ಮೂರನೇ ದಿನಕ್ಕೆ ಹೋದ್ಲು, ಅದೂ ಕಾಣುತ್ತೆ. ಈ ಮನೇಲಿ ಇನ್ನೊಂದು ಹೆಣ್ಣು ಹಾಗೆ ಹೋಗೋದು ಬೇಡ. ನಿಮ್ಮ ಹಡಗು ಬೇಕಾದ್ರೆ ಮುಳುಗ್ಲಿ."

ಅವರಿಗೆ ಒಬ್ಬ ಅಕ್ಕನಿದ್ದಳು ಎಂಬುದೇ ನನಗೆ ಗೊತ್ತಿರಲಿಲ್ಲ. ಬೆಳಿಗ್ಗೆ ಕುಡಿದ ಕಾಫಿ ಹೊಟ್ಟೆಯಲ್ಲಿ ವಿಷವಾಯಿತು ಎಂದು ಬರೆದರೆ ಅದು ಇನ್ನೊಂದು ಸುಳ್ಳಾಗುತ್ತದೆ. ಕಾಫಿ ಚೆನ್ನಾಗಿಯೇ ಇತ್ತು. ಅತ್ತೆಯ ಮುಖ ನೋಡಲು ಮಾತ್ರ ಆಗಲಿಲ್ಲ.

ಸಾಹುಕಾರರು ಗಡ್ಡ ನೀವಿಕೊಳ್ಳುತ್ತಾ, "ಅವಳಿಗೂ ಕಾಫಿಗೂ ಎಂತ ಸಂಬಂಧ ಅಮ್ಮ?" ಎಂದು ಕೇಳಿದರು. ಅತ್ತೆ ಜೋಡಿ ಬೀಜದ ವಿಷಯ ಹೇಳಿದರು.

ಸಾಹುಕಾರರು ನಗಲಿಲ್ಲ, ಒಳ್ಳೆಯ ಮನುಷ್ಯ. "ಅಮ್ಮ, ನಾನೂ ನನ್ನ ತಮ್ಮನೂ ಒಂದೇ ದಿನ ಹುಟ್ಟಿದವರು. ನಮ್ಮ ಉಮ್ಮ ಕಾಫಿಯ ಮುಖ ನೋಡಿದವರಲ್ಲ. ಗಂಜಿ ತಿಳಿ ಕುಡಿದು ಹೆತ್ತದ್ದು ನಮ್ಮನ್ನು. ನಿಮ್ಮ ಅಕ್ಕ ಕಾಫಿ ಕುಡೀತಿದ್ರಾ?"

ಅತ್ತೆ ಯೋಚಿಸಿದರು. "ಇಲ್ಲ. ನಮ್ಮ ತವರಲ್ಲಿ ಆಗ ಕಾಫಿ ಗಿಡವೇ ಇರ್ಲಿಲ್ಲ."

ಅತ್ತೆ ನನ್ನ ಕಡೆ ತಿರುಗಿದರು.

"ನಿಂಗೆ ಯಾರು ಹೇಳಿದ್ದೇ ಇದನ್ನ?"

"ನೀವೇ ಹೇಳಿದ್ದು ಅತ್ತೆ. ನಾನು ಕೇಳಿದ್ದಷ್ಟೆ."

"ಹೌದು. ಬಾವಿಗೆ ನೂಕಿದವಳೂ ಹಾಗೇ ಹೇಳ್ತಾಳೆ, ನಾನು ಬೆನ್ನು ಮುಟ್ಟಿದ್ದಷ್ಟೆ ಅಂತ."

ಅಕ್ಕ ಬಾಗಿಲ ಹಿಂದೆ ಸೆರಗು ಕಚ್ಚಿಕೊಂಡಿದ್ದಳು, ನಗುವಿಗೋ ಭಯಕ್ಕೋ. ಮಾವ ತಲೆಗೆ ಕೈ ಹೊತ್ತು ಮೆಟ್ಟಿಲ ಮೇಲೆ ಕೂತರು. ಸಾಹುಕಾರರೇ ಕೊನೆಗೆ ದಾರಿ ಹೇಳಿದರು. "ನಾಳೆ ಮಧ್ಯಾಹ್ನದವರೆಗೆ ಗಾಡಿ ಕೊಟ್ಟಿಗೆಹಾರದಲ್ಲೇ ನಿಲ್ತದೆ ಗೌಡ್ರೆ, ಎತ್ತುಗಳಿಗೆ ಲಾಳ ಕಟ್ಟಿಸ್ಬೇಕು. ಅರ್ಧ ಡಬ್ಬ ಆದ್ರೂ ತುಂಬಿಸಿ ತನ್ನಿ. ಅದರ ಮೇಲೆ ನಾನು ಕಾಯ್ಲಿಕ್ಕೆ ಆಗೋದಿಲ್ಲ."

ಅರ್ಧ ಡಬ್ಬಕ್ಕೆ ಇನ್ನೂ ಕಾಲು ಡಬ್ಬ ಬೇಕು. ನಾವಿಬ್ಬರು ಸೊಸೆಯರು ತಟ್ಟಿದರೆ ನಾಲ್ಕು ದಿನದ ಕೆಲಸ. ಆ ರಾತ್ರಿ ಅತ್ತೆ ನನ್ನೊಡನೆ ಮಾತಾಡಲಿಲ್ಲ. ಊಟ ಮಾತ್ರ ಬಡಿಸಿದರು, ಎರಡು ತುತ್ತು ಹೆಚ್ಚಾಗಿಯೇ.

ಇಲ್ಲಿ ಇನ್ನೊಂದು ಮಾತು ಹೇಳಿಬಿಡುತ್ತೇನೆ. ಐದು ತಿಂಗಳ ಮೇಲೆ ನನಗೆ ಒಂದೇ ಮಗು ಹುಟ್ಟಿತು. ಒಂಟಿ ಬೀಜ ಕುಡಿದ ಬೇರೆ ಬಸುರಿಯರಿಗೂ ಒಂದೊಂದೇ. ಅದಕ್ಕೇ ಸಾಹುಕಾರರ ಮಾತನ್ನು ಎಲ್ಲರೂ ಮರೆತರು, ನನ್ನ ಸುಳ್ಳು ಮಾತ್ರ ಗಟ್ಟಿಯಾಗಿ ಬೇರು ಬಿಟ್ಟಿತು. ನಾನೇ ಖುದ್ದಾಗಿ ಸುಳ್ಳು ಎಂದರೂ, "ನಿಮ್ಗೆ ಗೊತ್ತಾಗೋದಿಲ್ಲ ಅಜ್ಜಿ," ಎಂದು ನನಗೇ ತಿಳಿಹೇಳುತ್ತಾರೆ.

ಮಾರನೆಯ ಬೆಳಿಗ್ಗೆ ನಾನು ಕೋಳಿ ಕೂಗುವ ಮೊದಲೇ ಎದ್ದೆ. ಮೊದಲು ಅಕ್ಕನ ಹೊದಿಕೆ ಎಳೆದೆ. "ಏಳಕ್ಕ, ಸುಳ್ಳು ಬಸುರಿಗೂ ಮೊರ ಹಿಡಿಯೋಕೆ ಬರುತ್ತೆ." ಆಮೇಲೆ ಕೂಲಿಯವರ ಮನೆಸಾಲಿಗೆ ಇಳಿದು ತೋಟದ ಆ ಇಬ್ಬರು ಬಸುರಿಯರನ್ನು ಎಬ್ಬಿಸಿದೆ. ಅನುಮಾನದ ಬಸುರಿಯರನ್ನು ಒಲೆಯ ಮುಂದಿನಿಂದ ಎಳೆದೆ. ರೈಟರ ಹೆಂಡತಿ, ತನಗೆ ಸೊಂಟನೋವು ಎಂದಳು. "ಕುಡಿಯುವಾಗ ಸೊಂಟ ಎಲ್ಲಿತ್ತು?" ಎಂದು ಕೇಳಿದೆ; ಗೊಣಗುತ್ತಾ ಬಂದಳು. ಅಟ್ಟದಿಂದ ಮೂಟೆ ಇಳಿಸಿ, ಎಲ್ಲರ ಕೈಗೂ ಒಂದೊಂದು ಒನಕೆಯೋ ಮೊರವೋ ಕೊಟ್ಟು, ಅಂಗಳದಲ್ಲಿ ಸಾಲಾಗಿ ಕೂರಿಸಿದೆ. ಬಿಸಿಲು ಅಂಗಳಕ್ಕೆ ಬೀಳುವ ಹೊತ್ತಿಗೆ ಅತ್ತೆ ಹೊರಗೆ ಬಂದರು. ನಮ್ಮನ್ನೆಲ್ಲ ಒಮ್ಮೆ ನೋಡಿದರು. ಒಳಗೆ ಹೋಗಿ ತಮ್ಮ ಮೊರ ತಂದು, ನನ್ನನ್ನು ಮೊಣಕೈಯಲ್ಲಿ ಪಕ್ಕಕ್ಕೆ ನೂಕಿ ಜಾಗ ಮಾಡಿಕೊಂಡು ಕೂತರು. ನಾನು ಮೊರ ಓರೆ ಮಾಡಿ ತಟ್ಟತೊಡಗಿದೆ.