ಉಯ್ಯಾಲೆಯ ನಟ್ಟಿಗೆ ಅಡುಗೆಮನೆಯ ಪಾನಾ

ನೆರೂಳದ ಈ ಪುಟ್ಟ ಉದ್ಯಾನದಲ್ಲಿ ಇನ್ನೂ ಬೆಳಕು ಹರಿದಿಲ್ಲ. ಖಾಡಿಯ ಹಿನ್ನೀರಿನ ಕಡೆಯಿಂದ ಬಂದ ಮಂಜು ಜಾರುಬಂಡಿಯ ಮೇಲೂ ಉಯ್ಯಾಲೆಯ ಹಲಗೆಯ ಮೇಲೂ ಕೂತಿದೆ, ಮಕ್ಕಳು ಬರುವ ಮೊದಲು ತಾನೊಂದು ಸಲ ಆಡಿಬಿಡೋಣ ಅನ್ನುವ ಹಾಗೆ. ಉಯ್ಯಾಲೆಯ ಕಂಬಕ್ಕೆ ಒರಗಿಸಿದ ಏಣಿಯ ತುದಿಯಲ್ಲಿ ಗುರುವಪ್ಪ ಕಣ್ಣು ಮುಚ್ಚಿ ನಿಂತಿದ್ದಾರೆ. ನಿದ್ದೆಯಲ್ಲ ಮಾರಾಯ್ರೆ, ಕೆಲಸ! ಒಂದು ನಟ್ಟನ್ನು ಹೆಬ್ಬೆರಳು, ತೋರುಬೆರಳುಗಳ ನಡುವೆ ಹಿಡಿದು ಅಳೆಯುತ್ತಿದ್ದಾರೆ.

ಕೆಳಗೆ ಏಣಿ ಹಿಡಿದಿರುವವರು ಹೆಂಡತಿ ಲೋಲಾಕ್ಷಿ. ಎಂಟು ಗಂಟೆಗೆ ಗ್ಯಾಸ್ ಕಟರ್ ಬರುತ್ತದೆ. ಅಷ್ಟರೊಳಗೆ ಈ ನಟ್ಟು ಬಿಚ್ಚಿ, ಸವೆದ ಬೋಲ್ಟು ಬದಲಾಯಿಸಿದರೆ ಉಯ್ಯಾಲೆ ಉಳಿಯುತ್ತದೆ. ಇಲ್ಲದಿದ್ದರೆ ಕಂಬಸಮೇತ ಕತ್ತರಿಸಿ ಗುಜರಿಗೆ ಹಾಕುತ್ತಾರೆ. ಹೊಸದು ಯಾವಾಗ ಬರುತ್ತದೆಂದು ಕೇಳಿದರೆ ಮೇಲ್ವಿಚಾರಕ ಪ್ರೇಮನಾಥ ಆಕಾಶ ನೋಡುತ್ತಾರೆ.

ಕಾರ್ಕಳದ ಕಡೆಯ ಗುರುವಪ್ಪ ಮೀಸೆ ಮೂಡುವ ಮೊದಲೇ ಡೊಂಬಿವಲಿಯ ಹೋಟೆಲಿಗೆ ಬಂದವರು. ಟೇಬಲ್ ಒರೆಸಿ ಸಾಕಾಗಿ ಅಂಬರನಾಥದ ಕಾರ್ಖಾನೆ ಸೇರಿ ಫಿಟ್ಟರ್ ಆದರು. ಕಾರ್ಖಾನೆ ಬಾಗಿಲು ಹಾಕಿದ ಮೇಲೆ ಸಿಕ್ಕ ಸಿಕ್ಕ ಕೆಲಸ ಮಾಡಿ, ಈಗ ಉದ್ಯಾನಗಳ ಆಟದ ಸಾಮಾನು ನೋಡಿಕೊಳ್ಳುವ ಗುತ್ತಿಗೆದಾರರ ಬಳಿ ಇದ್ದಾರೆ. ವಿಠ್ಠಲವಾಡಿಯಿಂದ ಮೊದಲ ಲೋಕಲ್ ಹಿಡಿದು, ಠಾಣೆಯಲ್ಲಿ ಗಾಡಿ ಬದಲಾಯಿಸಿ ಬರುತ್ತಾರೆ. ಬಿಸಿಲೇರುವ ಮೊದಲು ಸೆಕ್ಟರ್‌ನಿಂದ ಸೆಕ್ಟರ್‌ಗೆ ನಡೆದು, ಆಡಿ ಆಡಿ ಸಡಿಲಾದ ನಟ್ಟುಗಳನ್ನೆಲ್ಲ ಬಿಗಿಯುತ್ತಾರೆ. ಬಿಗಿದ ಮೇಲೆ ಪ್ರತಿ ಉಯ್ಯಾಲೆಯಲ್ಲೂ ತಾವೇ ಕೂತು ಜೀಕುತ್ತಾರೆ. ನರೆತ ಮೀಸೆಯ ಮನುಷ್ಯ ಹೀಗೆ ಜೀಕುವುದನ್ನು ಕಂಡು ವಾಕಿಂಗ್‌ನವರು ನಗುತ್ತಾರೆ. ನಗಲಿ ಬಿಡಿ, ಅವರಿಗೇನು ಗೊತ್ತು.

"ಪಾನಾ ಸರಿ ಕೂರಬೇಕು, ಅಷ್ಟೇ ವಿದ್ಯೆ," ಎನ್ನುತ್ತಾರೆ ಗುರುವಪ್ಪ. ಸ್ಪ್ಯಾನರ್‌ಗೆ ಈ ಊರಲ್ಲಿ ಪಾನಾ ಅಂತಲೇ ಹೆಸರು. "ಚೂರು ಲೂಜ್ ಆದ್ರೂ ನಟ್ಟಿನ ಮೂಲೆ ಹೋಗ್ತದೆ. ಮೂಲೆ ಹೋದ್ಮೇಲೆ ಬೇಡ ಆ ಫಜೀತಿ! ಕಣ್ಣಿಗೆ ಎಲ್ಲ ನಟ್ಟು ಒಂದೇ ತರ ಕಾಣ್ತದೆ. ಬೆರಳಿಗೆ ಮಾತ್ರ ಗೊತ್ತಾಗ್ತದೆ."

ಈ ಉಯ್ಯಾಲೆಯ ಮೇಲೆ ಅವರಿಗೇಕೆ ಇಷ್ಟು ಜೀವ? ಲೋಲಾಕ್ಷಿಯನ್ನು ಕೇಳಬೇಕು. ತವರಿನಲ್ಲಿ ಮಾವಿನ ಮರಕ್ಕೆ ಉಯ್ಯಾಲೆ ಇತ್ತು, ಆದರೆ ಅದು ಅಣ್ಣಂದಿರದ್ದು. ಇವರ ಪಾಲಿಗೆ ಬಂದದ್ದು ತಮ್ಮನ ತೊಟ್ಟಿಲು ತೂಗುವ ಕೆಲಸ. ಮದುವೆಯಾಗಿ ಇಲ್ಲಿಗೆ ಬಂದ ಮೇಲೆ ಖಾನಾವಳಿಯ ಒಲೆ ಮುಂದೆ ಚಪಾತಿ ಬೇಯಿಸಿ ಬೇಯಿಸಿ ಮಂಡಿ ಸವೆಯಿತು. ಒಂದು ಭಾನುವಾರ ಗುರುವಪ್ಪ, "ನೀನು ಕೂತು ನೋಡು, ಟೆಸ್ಟಿಂಗಿಗೆ ನನ್ನ ತೂಕ ಸಾಲುದಿಲ್ಲ," ಎಂದು ಕೀಟಲೆ ಮಾಡಿ ಇದೇ ಹಲಗೆಯ ಮೇಲೆ ಕೂರಿಸಿದರು.

"ಕಾಲು ನೆಲ ಬಿಟ್ಟ ಕೂಡ್ಲೇ ಮಂಡಿ ನೋವೇ ಇಲ್ಲ! ನಂಗೆ ಅಳು ಬಂತು, ಇವ್ರು ಹೆದ್ರಿದ್ರು," ಎಂದು ಲೋಲಾಕ್ಷಿ ನಗುತ್ತಾರೆ. ಅಂದಿನಿಂದ ಪ್ರತಿ ಭಾನುವಾರ ಅವರೂ ಮೊದಲ ಲೋಕಲ್ ಹತ್ತುತ್ತಾರೆ. ಇಡೀ ವಾರದಲ್ಲಿ ಅವರದ್ದೇ ಅನ್ನುವ ಹೊತ್ತು ಅದೊಂದೇ.

ನಿನ್ನೆ ಇದೇ ನಟ್ಟು ಗುರುವಪ್ಪನವರನ್ನು ಸೋಲಿಸಿತ್ತು. ಇಪ್ಪತ್ತೆರಡು ಎಂಎಂನ ಪಾನಾ ನಟ್ಟಿನ ಮೇಲೆ ಕೂರಲೇ ಇಲ್ಲ, ಇಪ್ಪತ್ತನಾಲ್ಕರದ್ದು ಗಡಗಡ ಅಲ್ಲಾಡಿತು. ಸಂದಿಗೆ ತಗಡಿನ ಚೂರು ಸಿಕ್ಕಿಸಿ ಎಳೆದರು. ಅವಸರದಲ್ಲಿ ಫಿಟ್ಟರ್‌ಗಳೆಲ್ಲ ಮಾಡುವ ತಪ್ಪು ಅದು. ಪಾನಾ ಜಾರಿ ನಟ್ಟಿನ ಒಂದು ಮೂಲೆಯೂ ಇವರ ಬೆರಳ ಗೆಣ್ಣಿನ ಚರ್ಮವೂ ಒಟ್ಟಿಗೇ ಹೋದವು. "ಕಲ್ ಕಾಟ್ ಡಾಲೇಂಗೆ, ಬಿಡಿ ಗುರುವಣ್ಣ," ಎಂದು ನಾಳೆಯೇ ಕತ್ತರಿಸುವ ಮಾತಾಡಿದರು ಪ್ರೇಮನಾಥ. ಗುರುವಪ್ಪ ನಟ್ಟಿಗೆ ಸೀಮೆಎಣ್ಣೆ ಸುರಿದು ಮನೆಗೆ ಹೋದರು. ವಿಷಯ ಕೇಳಿ ಲೋಲಾಕ್ಷಿ, "ಹೋಗ್ಲಿ ಬಿಡಿ," ಎಂದಷ್ಟೇ ಹೇಳಿ ತಟ್ಟೆ ಇಟ್ಟರು. ಗುರುವಪ್ಪ ಅರ್ಧ ಅನ್ನ ಬಿಟ್ಟು ಎದ್ದರು.

ಬೆಳಗಿನ ಜಾವ ಒಂದು ಕನಸು ಬಿತ್ತು. ಅಂಬರನಾಥದ ಅದೇ ಕಾರ್ಖಾನೆ, ಆದರೆ ಸದ್ದೇ ಇಲ್ಲ. ಯಂತ್ರಗಳನ್ನೆಲ್ಲ ಸರಪಳಿಗೆ ಕಟ್ಟಿ ಯಾರೋ ಮೆಲ್ಲಗೆ ತೂಗುತ್ತಿದ್ದಾರೆ. ತೂಗಿ ಹತ್ತಿರ ಬಂದ ಒಂದು ಯಂತ್ರದ ನಟ್ಟನ್ನು ಗುರುವಪ್ಪ ಮುಟ್ಟಿದರು, ನಿನ್ನೆ ಮುಟ್ಟಿದ್ದೂ ಇಂಥದ್ದೇ ಎಂದು ಬೆರಳಿಗೆ ಥಟ್ಟನೆ ಗುರುತು ಹತ್ತಿತು. ಇದು ಎಂಎಂ ಅಲ್ಲ, ಇಂಚು! ಈಗಿನ ನಟ್ಟುಗಳೆಲ್ಲ ಎಂಎಂ ಅಳತೆಯವು, ಹಳೇ ಯಂತ್ರಗಳದ್ದು ಇಂಚಿನ ಲೆಕ್ಕ. ಯಾರೋ ಪುಣ್ಯಾತ್ಮ ಹಳೇ ಬೋಲ್ಟನ್ನೇ ಈ ಉಯ್ಯಾಲೆಗೆ ಜಡಿದಿದ್ದಾನೆ.

"ಲೋಲಾಕ್ಷಿ, ಕಾಯಿ ಒಡೆಯುವ ಪಾನಾ ಎಲ್ಲುಂಟು?"

ಕಾರ್ಖಾನೆಯಿಂದ ಬಂದ ಆ ಇಂಚಿನ ರಿಂಗ್ ಪಾನಾ ವರ್ಷಗಳಿಂದ ಅಡುಗೆಮನೆಯಲ್ಲಿ ತೆಂಗಿನಕಾಯಿ ಒಡೆಯುತ್ತಿತ್ತು. "ನಾನು ಎಣಿಸಿದೆ, ಇವರಿಗೆ ಬೆಳಗ್ಗೆ ಬೆಳಗ್ಗೆ ಚಟ್ನಿ ಆಸೆ ಆಯ್ತು ಅಂತ," ಎನ್ನುತ್ತಾರೆ ಲೋಲಾಕ್ಷಿ.

ಈಗ ಅದೇ ಪಾನಾವನ್ನು ಅವರು ಚೀಲದಿಂದ ತೆಗೆದು ಮೇಲಕ್ಕೆ ಚಾಚುತ್ತಾರೆ. ಗುರುವಪ್ಪ ಅದನ್ನು ನಟ್ಟಿನ ಮೇಲೆ ಇಳಿಸುತ್ತಾರೆ. ಸವೆದ ಮೂಲೆಯೊಂದನ್ನು ಬಿಟ್ಟು ಉಳಿದ ಐದನ್ನೂ ಅದು ಗಟ್ಟಿಯಾಗಿ ತಬ್ಬುತ್ತದೆ. ಒಮ್ಮೆ ಎಳೆಯುತ್ತಾರೆ, ಊಹೂಂ. ಉಸಿರು ಕಟ್ಟಿ ಇನ್ನೊಮ್ಮೆ ಎಳೆದಾಗ ಕಿರ್ ಎಂದು ತುಕ್ಕು ಉದುರುತ್ತದೆ, ನಟ್ಟು ತಿರುಗುತ್ತದೆ. "ಅಯ್ಯೋ ದೇವ್ರೇ," ಎಂದು ಲೋಲಾಕ್ಷಿ ಏಣಿಯನ್ನೇ ಅಪ್ಪಿಕೊಳ್ಳುತ್ತಾರೆ. ಹೊಸ ಬೋಲ್ಟು ಎಂಎಂನದ್ದು. ಹತ್ತೊಂಬತ್ತರ ಪಾನಾ ಚೆನ್ನಾಗಿ ಕೂರುತ್ತದೆ.

ಮಂಜು ಕರಗುವ ಹೊತ್ತಿಗೆ ಬಂದ ಪ್ರೇಮನಾಥ ಉಯ್ಯಾಲೆ ಜಗ್ಗಿ ನೋಡಿ, ಗ್ಯಾಸ್ ಕಟರ್‌ನವನಿಗೆ ಫೋನ್ ಮಾಡುತ್ತಾರೆ. "ಮತ್ ಆನಾ ಭಾಯಿ, ಖುಲ್ ಗಯಾ." ಬರಬೇಡ, ನಟ್ಟು ಬಿಚ್ಚಿತು ಅಂತ.

ಗುರುವಪ್ಪ ಪದ್ಧತಿಯಂತೆ ತಾವು ಮೊದಲು ಜೀಕಿ ನೋಡಿ ಇಳಿಯುತ್ತಾರೆ. ಲೋಲಾಕ್ಷಿ ಸೆರಗು ಸಿಕ್ಕಿಸಿ ಕೂರುತ್ತಾರೆ, ಕಾಲು ನೆಲ ಬಿಡುತ್ತದೆ. ನಿಮ್ಮದೇನಾದರೂ ಆಸೆ ಉಂಟಾ ಎಂದು ಕೇಳಿದರೆ, ಗುರುವಪ್ಪ ಹೆಂಡತಿಯ ಬೆನ್ನನ್ನು ಮೆಲ್ಲಗೆ ತಳ್ಳುತ್ತಲೇ ಉತ್ತರಿಸುತ್ತಾರೆ.

"ನಂದೆಂತ ಆಸೆ? ಕೂತವ್ರು ಹೆದ್ರಿಕೊಂಡು ಮೇಲೆ ನೋಡುವ ಹಾಗೆ ಆಗ್ಬಾರ್ದು. ನೋಡಿದ್ರೆ ಆಕಾಶ ನೋಡ್ಲಿ. ನಟ್ಟು ನಾನು ನೋಡ್ತೇನೆ."